ತೆಪ್ಪ ಎಂದರೆ

ಆಸ್ಪತ್ರೆಯಿಂದ ಮನೆಗೆ ಬಂದ ಮೂರನೆಯ ದಿನವೇ ಮಾವನಿಗೂ ಸೊಸೆಗೂ ಜಗಳವಾಯಿತು. ಜಗಳವೆಂದರೆ, ಆಡಿದ್ದೆಲ್ಲ ಸೊಸೆಯೇ. ಮಾವ ಆಡಿದ್ದು ಒಂದೇ ಮಾತು. ಅವಳು ಮಂಚದ ಪಕ್ಕ ಕುಳಿತು, ದಿಂಬು ಎತ್ತರವಾಯಿತೇ, ಕಿಟಕಿ ಮುಚ್ಚಲೇ, ಫ್ಯಾನು ಸಾಕೇ ಎಂದು ಒಂದರ ಹಿಂದೊಂದು ಕೇಳುತ್ತ ಹೋದಳು. ಮುದುಕ ಅವಳ ಮುಖವನ್ನೇ ನೋಡಿ, ಸ್ವಾಧೀನವಿದ್ದ ಎಡಗೈಯನ್ನು ಮಂಚದ ಪಟ್ಟಿಗೆ ಬಡಿದು, “ತೆಪ್ಪ!” ಎಂದ.

“ಕೇಳಿಸ್ಕೊಂಡ್ಯಾ? ತೆಪ್ಪಗಿರು ಅಂತಾರೆ ನಂಗೆ! ನನ್ನ ಮನೆ ಕೆಲಸ ಬಿಟ್ಟು ಇಲ್ಲಿ ಬಂದು ಸೇವೆ ಮಾಡ್ತಿದೀನಲ್ಲ, ನಂಗೆ ಆಗಬೇಕಾದ್ದೇ!” ಎಂದು ಅವಳು ಕಣ್ಣೊರೆಸಿಕೊಳ್ಳುತ್ತ ಅಡುಗೆಮನೆಗೆ ನುಗ್ಗಿದಳು.

ಅಲ್ಲಿ ಗಂಜಿ ಕಲಕುತ್ತಿದ್ದ ಮುದುಕನ ಮಗಳು ತಿರುಗಿ ಕೂಡ ನೋಡಲಿಲ್ಲ. “ನಿಮಗಂದಿದ್ದಲ್ಲ ಅತ್ತಿಗೆ. ಬೆಳಿಗ್ಗೆ ನಂಗೂ ಅದನ್ನೇ ಅಂದ. ಡಾಕ್ಟರಿಗೂ ಅದೇ. ಗೋಡೆ ಗಡಿಯಾರಕ್ಕೂ ಅದೇ.”

“ಮತ್ತೆ ಏನು ಅದರ ಅರ್ಥ?”

“ಗೊತ್ತಿದ್ದಿದ್ರೆ ನಾನ್ಯಾಕೆ ಹೀಗೆ ಸೋತು ಸುಣ್ಣ ಆಗ್ತಿದ್ದೆ?”

ಮುದುಕ ಮೂವತ್ತೆಂಟು ವರ್ಷ ಊರ ಕೆಳಗಿನ ಹೊಳೆಯಲ್ಲಿ ತೆಪ್ಪ ಹಾಕಿದವನು. ಆಚೆ ದಡದ ಹೆಂಚಿನ ಕಾರ್ಖಾನೆಗೆ ಹೋಗುವವರನ್ನು ಬೆಳಿಗ್ಗೆ ದಾಟಿಸಿ, ಸಂಜೆ ಮರಳಿ ತರುತ್ತಿದ್ದ. ಊರವರಿಗೆ ಅವನು ತೆಪ್ಪದಯ್ಯ. ಬಿದಿರು ಹೆಣೆದು, ಹೊರಗೆ ಗಟ್ಟಿ ಪ್ಲಾಸ್ಟಿಕ್ ಹಾಳೆ ಬಿಗಿದು, ಡಾಂಬರು ಬಳಿದ ದುಂಡನೆಯ ತೆಪ್ಪ. ದೊಡ್ಡ ಬುಟ್ಟಿಯಂತೆಯೇ ಇತ್ತು. ಗೊತ್ತಿಲ್ಲದವರು ಯಾರಾದರೂ ಅದನ್ನು ದೋಣಿ ಎಂದರೆ ಅವನಿಗೆ ಆಗುತ್ತಿರಲಿಲ್ಲ. “ದೋಣಿಗೆ ಮುಂದು ಹಿಂದು ಅಂತ ಇರುತ್ತೆ. ಇದಕ್ಕೆ ಎಲ್ಲಿದೆ ತೋರ್ಸಿ ನೋಡೋಣ? ಇದು ತೆಪ್ಪ” ಎಂದು ಹುಟ್ಟು ನಿಲ್ಲಿಸಿಯೇ ತಿದ್ದುತ್ತಿದ್ದ. ಕೆಲಸಕ್ಕೆ ತಡವಾಗುತ್ತದೆಂದು ಜನ ಬೇಗ ಬೇಗ ಒಪ್ಪಿಕೊಳ್ಳುತ್ತಿದ್ದರು.

ಒಂದು ಬೆಳಿಗ್ಗೆ ನಡುಹೊಳೆಯಲ್ಲಿ ಅವನ ಬಲಗೈಯಿಂದ ಹುಟ್ಟು ಜಾರಿತು. ಕೂತಿದ್ದ ಆರು ಮಂದಿಗೆ ಏನಾಯಿತೆಂದು ತಿಳಿಯುವಷ್ಟರಲ್ಲಿ ಅವನೇ ಎಡಗೈಯಿಂದ ಅದನ್ನು ಹಿಡಿದು, ಗಿರಗಿರನೆ ತಿರುಗುವ ತೆಪ್ಪವನ್ನು ಹೇಗೋ ದಡಕ್ಕೆ ಮುಟ್ಟಿಸಿದ. ಆರೂ ಜನ ಇಳಿದರು. ಅವನು ಇಳಿಯಲಿಲ್ಲ. ಅಲ್ಲೇ ಪಕ್ಕಕ್ಕೆ ಒರಗಿಬಿಟ್ಟ. ಆಸ್ಪತ್ರೆಯಲ್ಲಿ ಹನ್ನೊಂದು ದಿನ ಕಳೆದು ಕಣ್ಣು ತೆರೆದು ನೋಡಿದಾಗ ಅವನ ಬಲಭಾಗ ಹೋಗಿತ್ತು. ಜೊತೆಗೆ ಮಾತೂ ಹೋಗಿತ್ತು, ಆ ಒಂದನ್ನು ಬಿಟ್ಟು.

ಮಗಳಿಗೆ ನಲವತ್ತಮೂರು ವರ್ಷ. ಗಂಡ ತೀರಿಕೊಂಡ ಮೇಲೆ ಅಪ್ಪನ ಮನೆಗೆ ಬಂದು ಎಂಟು ವರ್ಷವಾಗಿತ್ತು. ಶಾಲೆಯ ಸಮವಸ್ತ್ರ ಹೊಲಿಯುವ ಕಡೆ ಕಾಜಾ ಗುಂಡಿ ಅವಳ ಕೆಲಸ. ಒಂದು ಅಂಗಿಗೆ ಏಳು ಕಾಜಾ, ಏಳು ಗುಂಡಿ. ಅಪ್ಪ ಹಾಸಿಗೆ ಹಿಡಿದ ಮೇಲೆ ಅಂಗಿಗಳ ಗಂಟನ್ನು ಮನೆಗೇ ತರುತ್ತಿದ್ದಳು. ಅಪ್ಪನನ್ನು ಎಬ್ಬಿಸಿ, ಮೈ ಒರೆಸಿ, ಚಾದರ ಬದಲಿಸಿ, ಸತ್ತ ಬೆರಳುಗಳನ್ನು ಒಂದೊಂದಾಗಿ ಬಿಡಿಸಿ ಮಡಿಸಿ ವ್ಯಾಯಾಮ ಮಾಡಿಸಿ, ಗಂಜಿ ಕುಡಿಸಿ ಮುಗಿಸುವಷ್ಟರಲ್ಲಿ ಹನ್ನೊಂದು ಗಂಟೆ. ಆಮೇಲೆ ಸೂಜಿ ಹಿಡಿದರೆ ಎರಡನೇ ಅಂಗಿಯ ಹೊತ್ತಿಗೆ ಮಂಚದಿಂದ ಕರೆ: “ತೆಪ್ಪ.”

ನೀರೇ? ಅಲ್ಲ. ಬಚ್ಚಲಿಗೇ? ಅಲ್ಲ. ಮಗ್ಗುಲು ಬದಲಿಸಬೇಕೇ? ಅವನು ಹೌದೆಂದು ತಲೆಯಾಡಿಸಿದ ಮೇಲೆ ಸೊಂಟಕ್ಕೆ ಕೈಕೊಟ್ಟು ಹೊರಳಿಸಿದರೆ ಕೋಪದಿಂದ ಮತ್ತೆ “ತೆಪ್ಪ!”

ಆಸ್ಪತ್ರೆಯಲ್ಲಿ ಮಾತು ಕಲಿಸುವ ಟೀಚರ್ ಒಬ್ಬಳಿದ್ದಳು, ಚಿಕ್ಕ ವಯಸ್ಸಿನವಳು. ವಾರಕ್ಕೊಮ್ಮೆ ಮನೆಗೆ ಬಂದು ಚಿತ್ರದ ಕಾರ್ಡುಗಳನ್ನು ಅಪ್ಪನ ಮುಂದೆ ಹಿಡಿಯುತ್ತಿದ್ದಳು. ಲೋಟ, ಬಾಚಣಿಗೆ, ಬೆಕ್ಕು, ಬೀಗದ ಕೈ. ಅಪ್ಪ ಪ್ರತಿಯೊಂದನ್ನೂ ಶ್ರದ್ಧೆಯಿಂದ ನೋಡಿ, ತುಟಿ ಕೂಡಿಸಿ, ತಯಾರಾಗಿ, “ತೆಪ್ಪ” ಎನ್ನುತ್ತಿದ್ದ. ಅಂದ ಮೇಲೆ ತಪ್ಪಾಯಿತೆಂದು ಅವನಿಗೇ ಗೊತ್ತಾಗಿ ಕಣ್ಣು ಮುಚ್ಚಿಕೊಳ್ಳುತ್ತಿದ್ದ.

“ತಲೆ ಒಳಗೆ ಬೇಕಾದಷ್ಟು ಇದೆ ಅಕ್ಕ, ಹೊರಗೆ ಬರೋ ದಾರಿ ಕೆಟ್ಟಿದೆ ಅಷ್ಟೇ. ಹೂಂ ಊಹೂಂ ಅಂತ ತಲೆ ಆಡಿಸ್ತಾರಲ್ಲ, ಅದನ್ನೂ ಪೂರ್ತಿ ನಂಬಬೇಡಿ. ಅದೂ ಅದಲುಬದಲಾಗುತ್ತೆ. ಒಂದು ಕೆಲಸ ಮಾಡಿ. ಯಾವ ಥರ ಅಂದಾಗ ಏನು ಬೇಕಿತ್ತು ಅಂತ ಬರೆದಿಡಿ.”

“ಅದೊಂದು ಬಾಕಿ ಇತ್ತು ನೋಡಿ” ಎಂದಳು ಮಗಳು. ಆದರೂ ಬರೆದಳು. ಗುಂಡಿಗಳನ್ನು ಪೋಣಿಸಿಕೊಂಡು ಬರುವ ರಟ್ಟಿನ ಹಾಳೆಗಳು ಮನೆ ತುಂಬ ಬಿದ್ದಿದ್ದವು. ಅವುಗಳ ಹಿಂದೆ ಬರೆದಳು. ಮೊದಲ ಅಕ್ಷರ ಎಳೆದರೆ ನೀರು. ತಟತಟ ಎರಡು ಸಲ ಅಂದರೆ ಬಚ್ಚಲು, ಅದೂ ಬೇಗ. ಮೂಗಿನಲ್ಲಿ ಎಂಬಂತೆ ಅಂದರೆ ಕಿಟಕಿ ತೆಗೆಯಬೇಕು. ಅತ್ತಿಗೆ ಹತ್ತಿರ ಬಂದಾಗ ಗಟ್ಟಿಯಾಗಿ ಅನ್ನುವುದಕ್ಕೆ ಅರ್ಥ ಸಿಕ್ಕಿದ ಮೇಲೂ ಅವಳು ಅದನ್ನು ಬರೆಯಲಿಲ್ಲ. ಆ ದಿನ ಅತ್ತಿಗೆಗೆ ಸಿಟ್ಟು ಬಂದದ್ದು ಸುಮ್ಮನೆ ಅಲ್ಲ ಎಂದು ತನ್ನಷ್ಟಕ್ಕೆ ನಕ್ಕಳು. ಬಹಳ ದಿನಗಳ ಮೇಲೆ ನಕ್ಕಿದ್ದಳು. ಕೆನ್ನೆ ನೋವಾಯಿತು.

ಹೀಗೆ ಮೂರು ತಿಂಗಳು ನಡೆಯಿತು. ಒಂದು ಸೋಮವಾರ ಗೊಗ್ಗರು ಬಂದ. ಅದೇ ಹೊಳೆಯಲ್ಲಿ ತೆಪ್ಪ ಹಾಕುವ ಅಪ್ಪನ ಜೊತೆಗಾರ. ಗಂಟಲು ಸದಾ ಒಡೆದಂತಿರುವುದರಿಂದ ಆ ಹೆಸರು. ಅಪ್ಪನ ತೆಪ್ಪ ಮನೆಯ ಪಕ್ಕದ ಓಣಿಯಲ್ಲಿ ಬೋರಲಾಗಿ ಬಿದ್ದಿತ್ತು.

“ನಂದು ಹಳೇದಾಯ್ತಮ್ಮ, ಒಳಗೆ ನೀರು ಬರ್ತಿದೆ. ಅಯ್ಯಂದು ಸುಮ್ನೆ ಬಿಸಿಲಿಗೆ ಒಣಗ್ತಾ ಬಿದ್ದಿದೆಯಲ್ಲ, ನಂಗೆ ಕೊಟ್ರೆ ಕೆಲಸಕ್ಕೆ ಬರುತ್ತೆ” ಎಂದು ಅವನು ಬಾಗಿಲಲ್ಲಿ ನಿಂತೇ ಕೇಳಿದ. ಅವನ ಪಿಸುಮಾತು ಕೂಡ ಬೀದಿಗೆ ಕೇಳುವಂಥದ್ದು. ಮಂಚದಲ್ಲಿದ್ದ ಅಪ್ಪ ತಲೆಯೆತ್ತಿದ.

ಮರುದಿನದಿಂದ ಅಪ್ಪ ಗಂಜಿ ಬಿಟ್ಟ. ಚಮಚ ತುಟಿಗೆ ತಂದರೆ ಮುಖ ತಿರುಗಿಸಿದ. ಎಡಗೈಯ ಬೆರಳನ್ನು ಬಾಯಿಗೆ ಮುಟ್ಟಿಸಿ “ತೆಪ್ಪ” ಎಂದ, ಮತ್ತೆ ಮತ್ತೆ ಅಂದ, ದಿನವಿಡೀ ಅಂದ. ಈ ದನಿ ರಟ್ಟಿನ ಯಾವ ಹಾಳೆಯಲ್ಲೂ ಇರಲಿಲ್ಲ. ತೆಳ್ಳಗೆ, ಕೊನೆಗೆ ಬಾಗಿ ನೆಲಕ್ಕೆ ಬೀಳುವ ದನಿ. ಬಾಯಿ ಮುಟ್ಟಿಕೊಳ್ಳುತ್ತಾನಲ್ಲ, ಹಸಿವೇ ಎಂದರೆ ಊಟ ಒಲ್ಲ. ಮಾತು ಬರುತ್ತಿಲ್ಲವೆಂದು ಕೊರಗುತ್ತಿದ್ದಾನೆಯೇ? ಗುರುವಾರದ ಹೊತ್ತಿಗೆ ಹಾಲು ಸಹ ಗಂಟಲಿಗಿಳಿಯಲಿಲ್ಲ.

ಸುದ್ದಿ ತಿಳಿದು ಅಣ್ಣ ಬಂದ. ಅವನು ಸಾಮಾನು ಸಾಗಿಸುವ ವ್ಯಾನಿನ ಚಾಲಕ. ಯಾವ ಸಮಸ್ಯೆಯನ್ನಾದರೂ ಎತ್ತಿ ವ್ಯಾನಿಗೆ ಹಾಕಿ ಸಾಗಿಸಬಹುದೆಂದು ನಂಬಿದವನು. ಐದು ನಿಮಿಷ ಕೇಳಿಸಿಕೊಂಡು ತೊಡೆ ತಟ್ಟಿದ.

“ಇದರಲ್ಲಿ ಏನಿದೆ ತಲೆ ಕೆಡಿಸ್ಕೊಳೋಕೆ? ಗೊಗ್ಗರು ತೆಪ್ಪ ಕೇಳಿದ್ದು ಸೋಮವಾರ. ಅಪ್ಪ ಊಟ ಬಿಟ್ಟಿದ್ದು ಮಂಗಳವಾರ. ಬಾಯಿ ಬಿಟ್ಟು ತೆಪ್ಪ ತೆಪ್ಪ ಅಂತಿದಾನೆ. ತೆಪ್ಪ ಅಂದ್ರೆ ತೆಪ್ಪ ಕಣೇ! ತನ್ನ ತೆಪ್ಪ ಬೇಕು ಅವನಿಗೆ.”

“ಪಾಪ, ಎಷ್ಟು ಹಂಬಲ ನೋಡಿ” ಎಂದ ಅತ್ತಿಗೆಯ ಕಣ್ಣು ತುಂಬಿ ಬಂತು.

ಮಗಳಿಗೆ ಪೂರ್ತಿ ಒಪ್ಪಿಗೆಯಾಗಲಿಲ್ಲ. ಮೂರು ತಿಂಗಳಲ್ಲಿ ಒಮ್ಮೆಯೂ ತೆಪ್ಪ ಎಂದರೆ ತೆಪ್ಪ ಆಗಿರಲಿಲ್ಲ. ಅದನ್ನು ಹೇಳಬೇಕೆನಿಸಿತು. ಆದರೆ ಹೇಳಿದರೆ, ಮತ್ತೇನು ಎಂದು ಅವರು ಕೇಳುತ್ತಾರೆ. ಉತ್ತರ ಹುಡುಕುವ ಕೆಲಸ ಮತ್ತೆ ತನ್ನ ಕೊರಳಿಗೇ ಬೀಳುತ್ತದೆ. ಮೂರು ದಿನದಿಂದ ಕಣ್ಣಿಗೆ ಕಣ್ಣು ಹಚ್ಚಿರಲಿಲ್ಲ. ಯಾರೋ ಒಬ್ಬರು ಅರ್ಥ ಹೇಳಿದರಲ್ಲ, ಅದೇ ಇರಲಿ ಎನಿಸಿತು. “ಹಾಗೇ ಮಾಡೋಣ ಅಣ್ಣ” ಎಂದಳು.

ಶುಕ್ರವಾರ ಬೆಳಿಗ್ಗೆ ಅಪ್ಪನ ಮೆರವಣಿಗೆ ಹೊರಟಿತು. ಅಣ್ಣ ಅವನನ್ನು ಮೂಟೆಯಂತೆ ಬೆನ್ನಿಗೆ ಹಾಕಿಕೊಂಡು ವ್ಯಾನಿನ ಹಿಂದುಗಡೆ ಹಾಸಿದ್ದ ಹಾಸಿಗೆಯ ಮೇಲೆ ಇಳಿಸಿದ. ಅತ್ತಿಗೆ ದಿಂಬುಗಳನ್ನು ತಬ್ಬಿಕೊಂಡು ಕೂತಳು. ಹೊಳೆಯ ದಡದಲ್ಲಿ ಗೊಗ್ಗರು ಹಿಂದಿನ ಸಂಜೆಯೇ ತೆಪ್ಪ ಒಯ್ದು, ಒಡೆದ ಕಡೆ ಡಾಂಬರು ಮೆತ್ತಿ, ಒಳಗೆ ಗೋಣಿ ಹಾಸಿ ಸಿದ್ಧಮಾಡಿದ್ದ. ಕಾರ್ಖಾನೆಗೆ ಹೋಗುವವರು ಕಂಡು, ಬಳಿ ಬಂದು, ಅಪ್ಪನ ಪಾದ ಹಿಡಿದು, ಹೆಗಲು ಹಿಡಿದು ಎತ್ತಿ ಕೂರಿಸಿದರು. ಒಬ್ಬ ಹೆಂಗಸು, “ಅಯ್ಯ, ಬೇಗ ಎದ್ದು ಬಾರಯ್ಯ, ಈ ಗೊಗ್ಗರು ನಮ್ಮನ್ನ ತಲೆ ತಿರುಗಿಸಿ ಕೊಲ್ತಾನೆ” ಎಂದಳು. ಎಲ್ಲರೂ ನಕ್ಕರು.

ಗೊಗ್ಗರು ಹುಟ್ಟು ಹಾಕಿದ. ದಿಂಬಿಗೆ ಒರಗಿದ ಅಪ್ಪ, ಎದುರಿಗೆ ಮಗಳು. ದಡದಿಂದ ಅಣ್ಣ, “ಅಪ್ಪಾ, ಹೆಂಗಿದೆ?” ಎಂದು ಕೂಗಿದ. ಅಪ್ಪ ನೀರಿನ ಕಡೆ ನೋಡಲೇ ಇಲ್ಲ. ಹುಟ್ಟಿನ ಕಡೆಯೂ ನೋಡಲಿಲ್ಲ. ಮಗಳ ಮುಖವನ್ನೇ ನೋಡುತ್ತ, ಬೆರಳು ಬಾಯಿಗೆ ಹಚ್ಚಿ, ಅದೇ ತೆಳ್ಳನೆಯ ದನಿಯಲ್ಲಿ, “ತೆಪ್ಪ” ಎಂದ. ಆಮೇಲೆ ಅತ್ತ. ಗಂಡಸು ಹೀಗೆ ಬಾಯ್ತೆರೆದು ಅಳುವುದನ್ನು ಅವಳು ನೋಡಿರಲಿಲ್ಲ.

ಹೊಳೆಯ ಮೇಲೆ ಬೆಳಗಿನ ಬಿಸಿಲು ಚಕಚಕ ಹೊಳೆಯುತ್ತಿತ್ತು. ತೆಪ್ಪ ಒಂದು ಸುತ್ತು ತಿರುಗಿದಾಗ ಆ ಬೆಳಕು ಪೂರ್ತಿಯಾಗಿ ಅಪ್ಪನ ಬಾಯೊಳಗೆ ಬಿತ್ತು. ಬಲಗಡೆ, ಸ್ವಾಧೀನವಿಲ್ಲದ ಕೆನ್ನೆಯ ಒಳಗೆ, ಕಪ್ಪಾದ ದವಡೆ ಹಲ್ಲು, ಅದರ ಬುಡ ಊದಿ ಕೆಂಪಾಗಿ ಕೀವು ತುಂಬಿತ್ತು. ಸುತ್ತ ಯಾವತ್ತಿನದೋ ಗಂಜಿ ಮೆತ್ತಿಕೊಂಡಿತ್ತು.

“ಹಲ್ಲು!” ಎಂದು ಚೀರಿದಳು ಮಗಳು. “ಹಲ್ಲು ನೋವು ಅವನಿಗೆ! ತಿರುಗ್ಸಿ, ವಾಪಸ್ ತಿರುಗ್ಸಿ!”

“ತಿರುಗ್ತಾನೇ ಇದೆಯಲ್ಲಮ್ಮ” ಎಂದ ಗೊಗ್ಗರು ಗಾಬರಿಯಲ್ಲಿ.

ಅಪ್ಪ ಅಳು ನಿಲ್ಲಿಸಿದ. ಎಡಗೈ ಚಾಚಿ ಮಗಳ ಮೊಣಕಾಲನ್ನು ಎರಡು ಸಲ ತಟ್ಟಿದ. ನಾಲ್ಕು ದಿನದ ಮೇಲೆ ಒಬ್ಬರಿಗಾದರೂ ತಲುಪಿತಲ್ಲ ಎಂಬಂತೆ.

ಅದೇ ವ್ಯಾನಿನಲ್ಲಿ ಅದೇ ಹಾಸಿಗೆಯ ಮೇಲೆ ಹಲ್ಲಿನ ಡಾಕ್ಟರ ಬಳಿ ಹೋದರು. ಪಾರ್ಶ್ವವಾಯು ಆದವರ ಕೆನ್ನೆಯಲ್ಲಿ ಊಟ ಉಳಿದುಬಿಡುತ್ತದೆ, ಅವರಿಗೆ ತಿಳಿಯುವುದಿಲ್ಲ, ದಿನಾ ಬೆರಳು ಹಾಕಿ ತೊಳೆಯಬೇಕು ಎಂದರು ಡಾಕ್ಟರು. ಕೀವಿಗೆ ಐದು ದಿನದ ಔಷಧಿ ಕೊಟ್ಟು ಆಮೇಲೆ ಹಲ್ಲು ಕಿತ್ತರು. ಆ ಮೊದಲ ದಿನ ಮಗಳು ಹೊರಗಿನ ಬೆಂಚಿನಲ್ಲಿ ಕೂತು, ಬಾಯಿ ತೊಳೆಸುವ ಕೆಲಸವನ್ನೂ ತನ್ನ ಬೆಳಗಿನೊಳಗೆ ಎಲ್ಲಿ ತುರುಕುವುದೆಂದು ಯೋಚಿಸಿದಳು. ಯೋಚಿಸುತ್ತಲೇ ಅತ್ತಳು. ಅತ್ತಿಗೆ ಪಕ್ಕಕ್ಕೆ ಬಂದು ಕೂತಳು.

“ನಂಗೆ ಅನುಮಾನ ಇತ್ತು ಅತ್ತಿಗೆ. ಈ ದನಿ ಬೇರೆ ಅಂತ ಗೊತ್ತಿತ್ತು. ಸುಸ್ತಾಗಿ ಸುಮ್ನಾಗ್ಬಿಟ್ಟೆ. ನಾಲ್ಕು ದಿನ ಆ ನೋವಲ್ಲಿ ಮಲಗ್ಸಿದೆ.”

“ನೀನೇನು ಕಲ್ಲಲ್ಲಿ ಮಾಡಿದವಳಾ?” ಎಂದಳು ಅತ್ತಿಗೆ. ತನ್ನ ಸೆರಗಿನಿಂದ ಅವಳ ಕೆನ್ನೆ ಒರೆಸಿ, “ಮಂಗಳವಾರ, ಗುರುವಾರ ಮಧ್ಯಾಹ್ನ ನಾನು ಬರ್ತೀನಿ. ತೆಪ್ಪಗಿರು ಅಂದ್ರೂ ಪರವಾಗಿಲ್ಲ, ಅನ್ನಿಸ್ಕೋತೀನಿ. ನೀನು ಹೋಗಿ ಬಾ ಕೆಲಸಕ್ಕೆ” ಎಂದಳು.

ಗೊಗ್ಗರು ತೆಪ್ಪವನ್ನು ಓಣಿಗೆ ಮರಳಿ ತಂದಿಟ್ಟಾಗ, ಅದನ್ನು ಏನು ಮಾಡುವುದೆಂದು ಕೊನೆಗೆ ಅಪ್ಪನನ್ನೇ ಕೇಳಿದರು. ಅವನು ಬಹಳ ಹೊತ್ತು ಗೊಗ್ಗರುವಿನ ಕೈಗಳನ್ನು ನೋಡಿದ. ಹೆಸರು ಹಿಡಿದು ಹೇಳುವಂತೆ ಒಂದು ಸಲ ಅಂದ, “ತೆಪ್ಪ,” ಮತ್ತು ಗೋಡೆಯ ಕಡೆ ಮುಖ ತಿರುಗಿಸಿದ. ಅದಕ್ಕೆ ಅರ್ಥ ಏನೆಂದು ಯಾರೂ ಮಗಳನ್ನು ಕೇಳಲಿಲ್ಲ, ಅವಳೂ ಬರೆಯಲಿಲ್ಲ. ಗೊಗ್ಗರು ಎರಡು ದಿನ ಕಾದು, ಬಂದು ತೆಗೆದುಕೊಂಡು ಹೋದ.

ಮಗಳು ವಾರಕ್ಕೆರಡು ಮಧ್ಯಾಹ್ನ ಹೊರಗೆ ಹೋಗತೊಡಗಿದಳು. ಹೊಲಿಗೆ ಯಂತ್ರಗಳ ಗದ್ದಲದ ನಡುವೆ ಅವಳಿಗೆ ನಿದ್ದೆ ಎಳೆಯುತ್ತಿತ್ತು. ಅಲ್ಲಿ ಯಾರೂ ಅವಳನ್ನು ಕರೆಯುತ್ತಿರಲಿಲ್ಲ.

ಎರಡನೆಯ ಮಾತು ಬಂದದ್ದು ಏಳನೆಯ ತಿಂಗಳಲ್ಲಿ. ಬೆಳಗಿನ ಗಂಜಿಯ ಮೂರನೆಯ ಚಮಚಕ್ಕೆ ಅಪ್ಪ ತುಟಿ ಬಿಗಿದು, ಕಷ್ಟಪಟ್ಟು, ಸ್ಪಷ್ಟವಾಗಿ “ಬೇಡ” ಎಂದ.

ಚಮಚ ಅವಳ ಕೈಯಲ್ಲೇ ನಿಂತಿತು. “ಏನಂದೆ? ಇನ್ನೊಂದ್ಸಲ ಅನ್ನಪ್ಪಾ!”

“ಬೇಡ.”

ಅವಳು ಅಣ್ಣನಿಗೆ ಫೋನು ಮಾಡಿದಳು, ಅತ್ತಿಗೆಗೆ ಹೇಳಿದಳು, ಟೀಚರಿಗೆ ಹೇಳಿದಳು. ಆ ಹುಡುಗಿ ಬಂದು ಖುಷಿಯಿಂದ ಚಪ್ಪಾಳೆ ತಟ್ಟಿದಳು. ಆ ವಾರವೆಲ್ಲ ಅಪ್ಪ ಹೊಸ ಮಾತನ್ನು ಚೆನ್ನಾಗಿ ಬಳಸಿದ. ಸ್ನಾನ ಬೇಡ. ವ್ಯಾಯಾಮ ಬೇಡ. ಮಾತ್ರೆ ಬೇಡ. ಚಿತ್ರದ ಕಾರ್ಡುಗಳಂತೂ ಬೇಡವೇ ಬೇಡ. ಇಷ್ಟು ದಿನ ಅರ್ಥವಾಗದೆ ಸಾಕಾಗಿದ್ದ ಮಗಳಿಗೆ ಈಗ ಅರ್ಥವಾಗಿ ಸಾಕಾಯಿತು.

“ಗಂಜಿ ಬೇಡ್ವಾ?” ಎಂದಳು ಶನಿವಾರ.

“ಬೇಡ.”

“ಬೇಡ ಅಂದ್ರೆ ಬೇಡ. ಇಲ್ಲೇ ಇಡ್ತೀನಿ, ಹಸಿವಾದಾಗ ಕುಡಿ” ಎಂದು ಬಟ್ಟಲನ್ನು ಅವನ ಎಡಗೈಗೆ ಎಟಕುವಂತೆ ಸ್ಟೂಲಿನ ಮೇಲಿಟ್ಟು, ಮಂಚದ ಕಾಲಿಗೆ ಬೆನ್ನು ಕೊಟ್ಟು ಕೂತು, ಅಂಗಿಗಳ ಗಂಟನ್ನು ಹತ್ತಿರಕ್ಕೆಳೆದುಕೊಂಡು ಸೂಜಿಗೆ ದಾರ ಪೋಣಿಸತೊಡಗಿದಳು.