ಡುಮ್ಮಿಯ ಶೀಶೆ

ವೈದ್ಯಕೀಯ ಕಾಲೇಜಿನ ಹಳೇ ಕಟ್ಟಡದಲ್ಲಿ, ಶೌಚಾಲಯ ದಾಟಿ ಇನ್ನೂ ಮುಂದೆ ಹೋದರೆ, ಒಂದು ಉದ್ದನೆಯ ಕೋಣೆ ಸಿಗುತ್ತಿತ್ತು. ಕಾಗದಪತ್ರದಲ್ಲಿ ಅದರ ಹೆಸರು ಮ್ಯೂಸಿಯಂ. ಹುಡುಗರ ಬಾಯಲ್ಲಿ ಹುಳದ ಮನೆ. ಗೋಡೆಯುದ್ದಕ್ಕೂ ಗಾಜಿನ ಬೀರು, ಬೀರುವಿನ ತುಂಬ ಶೀಶೆ, ಶೀಶೆಗಳ ತುಂಬ ಮನುಷ್ಯರ, ದನಗಳ, ನಾಯಿಗಳ ಹೊಟ್ಟೆಯಿಂದ ಹೊರಬಂದ ಹುಳಗಳು. ಅವನ್ನೆಲ್ಲ ನೋಡಿಕೊಳ್ಳುವ ಅಟೆಂಡರನ್ನು ಎಲ್ಲರೂ ಶೀಶೆ ಮಾಮ ಎಂದೇ ಕರೆಯುತ್ತಿದ್ದರು. ಅಪ್ಪ ಅಮ್ಮ ಇಟ್ಟ ಹೆಸರೂ ಒಂದಿತ್ತು, ಇಲ್ಲವೆಂದಲ್ಲ. ಆದರೆ ಸಂಬಳದ ದಿನ ಬಿಟ್ಟರೆ ಅದಕ್ಕೆ ಕೆಲಸವಿರಲಿಲ್ಲ.

ಅವನ ಕೆಲಸವೂ ಜಂಬ ಕೊಚ್ಚಿಕೊಳ್ಳುವಂಥದ್ದಲ್ಲ. ಶೀಶೆಯೊಳಗಿನ ಸ್ಪಿರಿಟ್ಟು ಆರಿ ಕೆಳಗಿಳಿದಿದ್ದರೆ ತುಂಬಿಸಬೇಕು, ಬಣ್ಣ ತಿರುಗಿದ್ದರೆ ಬದಲಿಸಬೇಕು, ಮುಚ್ಚಳದ ಸುತ್ತ ಮೇಣ ಹಚ್ಚಬೇಕು. ಎಲ್ಲ ಶೀಶೆಗಳನ್ನೂ ಅವನು ಒಂದೇ ಸಮನಾಗಿ ನೋಡಿಕೊಳ್ಳುತ್ತಿದ್ದ ಎಂದು ಹೇಳಿದರೆ ಮಾತ್ರ ಶುದ್ಧ ಸುಳ್ಳಾದೀತು. ಬಿಸಿಲು ಬೀಳದ ಮೂಲೆಯ ಬೀರುವಿನಲ್ಲಿ, ಅವನ ಎದೆಯ ಮಟ್ಟಕ್ಕೆ, ಒಂದು ಶೀಶೆಯಿತ್ತು. ಅದಕ್ಕೆ ರಾಜೋಪಚಾರ. ಮಿಕ್ಕವಕ್ಕೆ ಹಳೇ ಬಟ್ಟೆಯಾದರೆ ಅದನ್ನು ಒರೆಸಲು ಒಗೆದ ಕರವಸ್ತ್ರ. ಅದರ ಮೇಲಿನ ಚೀಟಿಯಲ್ಲಿ ಹೀಗೆ ಬರೆದಿತ್ತು: ‘ಸೆಸ್ಟೋಡಾ. ಲಾಡಿಹುಳು, ತಲೆಸಹಿತ. ಹೆಣ್ಣು ಮಗು, ಆರು ವರ್ಷ.’

ಆ ಹೆಣ್ಣು ಮಗು ಅವನ ಮಗಳು.

ಕಡ್ಡಿಯಂಥ ಮಗುವನ್ನು ಅವರು ಡುಮ್ಮಿ ಎಂದು ಕರೆಯುತ್ತಿದ್ದರು. ಎಷ್ಟು ತಿಂದರೂ ಮೈಗೆ ಹತ್ತುತ್ತಿರಲಿಲ್ಲ. ಬೆಳಗ್ಗೆ ಎದ್ದೊಡನೆ ಹಸಿವು, ಉಂಡು ಕೈ ತೊಳೆಯುವಷ್ಟರಲ್ಲಿ ಮತ್ತೆ ಹಸಿವು. ಅಕ್ಕಪಕ್ಕದವರು ‘ಡುಮ್ಮಿ ಬಂದ್ಲು, ಡಬ್ಬಿ ಒಳಗಿಡ್ರಪ್ಪಾ’ ಎಂದು ತಮಾಷೆ ಮಾಡುವರು. ಡುಮ್ಮಿಯೂ ನಗುವಳು, ನಗುತ್ತಲೇ ಡಬ್ಬಿಗೆ ಕೈ ಹಾಕುವಳು.

ಒಂದು ಸಂಜೆ ಅವಳ ಅಮ್ಮ ದಿನವಿಡೀ ದುಡಿದು, ಸಿಡಿಯುವ ತಲೆ ಹೊತ್ತು ಮನೆಗೆ ಬಂದಿದ್ದಳು. ಬೆಳಗ್ಗೆಗೆಂದು ಎತ್ತಿಟ್ಟ ಬ್ರೆಡ್ಡಿನಲ್ಲಿ ಡುಮ್ಮಿ ಒಂದು ತುಂಡು ಕೇಳಿದಳು, ಅಮ್ಮ ಕೊಟ್ಟಳು. ಇನ್ನೊಂದು ಕೇಳಿದಳು, ಗೊಣಗುತ್ತಾ ಕೊಟ್ಟಳು. ‘ಅಮ್ಮಾ, ಇನ್ನೊಂದೇ ಒಂದು’ ಎಂದು ಸೆರಗು ಜಗ್ಗಿದಾಗ ಅಮ್ಮನ ತಾಳ್ಮೆಯ ಕಟ್ಟೆಯೊಡೆಯಿತು. ‘ಹೊಟ್ಟೆಬಾಕಿ! ಎಷ್ಟು ಸುರಿದರೂ ಸಾಲದಲ್ಲೇ ನಿಂಗೆ!’ ಎಂದು ಕೆನ್ನೆಗೆ ಬಾರಿಸಿಯೇಬಿಟ್ಟಳು. ಡುಮ್ಮಿ ಅಳಲಿಲ್ಲ. ಕೈಯಲ್ಲಿದ್ದ ಚೂರನ್ನು ಬಾಯಿಗಿಟ್ಟುಕೊಂಡು ಹೋಗಿ ಮಲಗಿದಳು. ಮರುದಿನ ಬೆಳಗ್ಗೆ ಅವಳಿಗೆ ಮೊದಲ ಸಲ ಫಿಟ್ಸ್ ಬಂತು.

ಹೊಟ್ಟೆಯಲ್ಲಿ ಲಾಡಿಹುಳು ಇದೆಯೆಂದು ಡಾಕ್ಟರು ಹೇಳಿದರು. ಔಷಧ ಕೊಟ್ಟ ಮೇಲೆ ಹುಳವೇನೋ ಇಡಿಯಾಗಿ ಹೊರಗೆ ಬಂತು, ಆದರೆ ಅದರ ಮರಿಗಳು ಆಗಲೇ ರಕ್ತದಲ್ಲಿ ಹರಿದು ಮಗುವಿನ ಮಿದುಳು ಸೇರಿ ಗಂಟುಗಳಾಗಿದ್ದವು. ಅವಕ್ಕೆ ಏನು ಮಾಡಿದರೂ ಕಾಲ ಮೀರಿತ್ತು. ಆರು ವರ್ಷದ ಕೂಸು, ದೇವರಿಗೆ ಕಣ್ಣಿತ್ತೋ ಇಲ್ಲವೋ, ಒಂದು ಮಧ್ಯಾಹ್ನ ಉಸಿರು ನಿಲ್ಲಿಸಿತು.

ಆಸ್ಪತ್ರೆಯ ಬೆಂಚಿನ ಮೇಲೆ ಕೂತು ಅವಳಮ್ಮ ತನ್ನ ಬಲಗೈಯನ್ನು ಗೋಡೆಗೆ ಚಚ್ಚಿಕೊಳ್ಳುತ್ತಿದ್ದಳು. ‘ಹಸಿವು ಅಂದ ಮಗೂಗೆ ಹೊಡೆದೆನಲ್ರೀ, ಈ ಕೈಗೆ ಹುಳ ಬೀಳಬಾರದಿತ್ತಾ!’ ಎಂದು ಗೋಳಾಡುತ್ತಿದ್ದವಳ ಕೈ ಹಿಡಿದು ಅವನು, ಏನು ಹೇಳುವುದೆಂದು ತೋಚದೆ, ಬಾಯಿಗೆ ಬಂದದ್ದು ಹೇಳಿದ: ‘ಅವಳು ಕೇಳಿದ್ದಲ್ಲ ಕಣೇ. ಆ ಹುಳ ಕೇಳಿದ್ದು. ನೀನು ಹೊಡೆದದ್ದೂ ಹುಳಕ್ಕೇ, ಅವಳಿಗಲ್ಲ.’

ಅವಳು ಕೈ ಚಚ್ಚಿಕೊಳ್ಳುವುದನ್ನು ನಿಲ್ಲಿಸಿದಳು. ಅವನ ಪಾಲಿಗೆ ಅದು ಆ ಹೊತ್ತಿಗೆ ಆಡಿದ ಮಾತು, ಆಡಿ ಮರೆತ. ಅವಳು ಮರೆಯಲಿಲ್ಲ. ಎಷ್ಟೋ ಕಾಲದ ಮೇಲೂ, ತಟ್ಟೆ ತೊಳೆಯುವಾಗಲೋ ತಲೆ ಬಾಚಿಕೊಳ್ಳುವಾಗಲೋ, ತನ್ನಷ್ಟಕ್ಕೆ ‘ಹುಳಕ್ಕೇ ಬಿತ್ತು ಆ ಏಟು’ ಅನ್ನುತ್ತಿದ್ದಳು. ಆಮೇಲೆ ಒಂದು ಶಾಲೆಯ ಅಡುಗೆಮನೆಯಲ್ಲಿ ಬಡಿಸುವ ಕೆಲಸಕ್ಕೆ ಸೇರಿದಳು. ಯಾವ ಮಗು ಎಷ್ಟು ಸಲ ತಟ್ಟೆ ಹಿಡಿದು ಬಂದರೂ ಸೌಟು ತುಂಬ ಹಾಕುವಳು. ಮೇಲಿನವರಿಂದ ಬೈಸಿಕೊಂಡದ್ದಕ್ಕೆ ಲೆಕ್ಕವಿಲ್ಲ. ‘ನೀನು ಊಟ ಬಡಿಸ್ತೀಯೋ, ಅಡುಗೆಮನೆ ಖಾಲಿ ಮಾಡ್ತೀಯೋ?’ ಎಂದು ಅವರು ಕೂಗಾಡಿದರೆ, ಈ ಕಿವಿಯಲ್ಲಿ ಕೇಳಿ ಆ ಕಿವಿಯಲ್ಲಿ ಬಿಡುವಳು.

ಹುಳ ಶೀಶೆಗೆ ಸೇರಿದ್ದು ಮಾತ್ರ ಅವಳಿಗೆ ಗೊತ್ತಿರಲಿಲ್ಲ. ತಲೆಯೂ ಉಳಿದು ಇಡಿಯಾಗಿ ಸಿಗುವುದು ಅಪರೂಪವೆಂದು, ಹುಳಗಳ ಪಾಠ ಮಾಡುವ ದೊಡ್ಡ ಮೇಷ್ಟ್ರು ಅವನನ್ನು ಪಕ್ಕಕ್ಕೆ ಕರೆದು ಸಂಕೋಚದಿಂದಲೇ ಕೇಳಿದ್ದರು: ‘ಇಟ್ಕೊಳ್ಲೇನಪ್ಪಾ? ನಿನಗೆ ಬೇಡ ಅನ್ಸಿದ್ರೆ ಬೇಡ.’ ಅವನು ತಲೆಯಾಡಿಸಿದ್ದ. ಯಾಕೆ ಆಡಿಸಿದೆನೆಂದು ಅವನಿಗೇ ಆಗ ಗೊತ್ತಿರಲಿಲ್ಲ. ಗೊತ್ತಾದದ್ದು ನಿಧಾನಕ್ಕೆ. ಡುಮ್ಮಿಯ ಫ್ರಾಕುಗಳನ್ನೆಲ್ಲ ನೋಡಲಾರದೆ ಹೆಂಡತಿ ಯಾರಿಗೋ ಕೊಟ್ಟುಬಿಟ್ಟಳು. ಫೋಟೋ ಎಂದರೆ ಹುಟ್ಟಿದ ಹೊಸತರಲ್ಲಿ ತೆಗೆದದ್ದು ಒಂದೇ, ಅದರಲ್ಲೂ ಬಟ್ಟೆಯ ಗಂಟಿನ ನಡುವೆ ಒಂದು ಮೂಗು ಅಷ್ಟೇ. ಇನ್ನೊಂದು ತೆಗೆಸೋಣ, ಸ್ವಲ್ಪ ಮೈ ತುಂಬಲಿ ಎಂದು ಮುಂದೂಡುತ್ತಾ ಬಂದಿದ್ದರು. ಅವಳು ಈ ಭೂಮಿಯ ಮೇಲೆ ಇದ್ದಳು ಅನ್ನುವುದಕ್ಕೆ ಉಳಿದದ್ದು ಆ ಶೀಶೆಯೊಂದೇ. ಹೇಸಿಗೆ ಅನ್ನುವವರು ಅನ್ನಲಿ. ಮಗು ಕಳಕೊಂಡವನ ಎದುರು ನಿಂತು ಅನ್ನಲಿ ನೋಡೋಣ.

ಪ್ರತಿವರ್ಷ ಹೊಸ ಹುಡುಗರು ಬಂದಾಗ ದೊಡ್ಡ ಮೇಷ್ಟ್ರು ಆ ಶೀಶೆಯನ್ನೇ ಕೇಳಿ ತರಿಸುತ್ತಿದ್ದರು. ಅವನು ಎರಡೂ ಕೈಯಲ್ಲಿ ಹಿಡಿದು ತಂದು ಮೇಜಿನ ಮೇಲಿಟ್ಟು ಬಾಗಿಲಲ್ಲಿ ನಿಲ್ಲುವನು. ಪಾಠ ಅವನಿಗೆ ಬಾಯಿಪಾಠವಾಗಿತ್ತು. ‘ಸೆಸ್ಟೋಡಾ ಅನ್ನೋದು ಒಂದು ಹುಳದ ಹೆಸರಲ್ಲ, ಒಂದು ಇಡೀ ವರ್ಗದ ಹೆಸರು. ನಾಯಿ ಹೊಟ್ಟೇದು, ಮೀನಿನ ಹೊಟ್ಟೇದು, ನಿಮ್ಮ ಹೊಟ್ಟೇದು, ಎಲ್ಲ ಇದರೊಳಗೇ. ಒಂದು ಹುಳದ ಮಾತಾದರೆ ಸೆಸ್ಟೋಡ್ ಅನ್ನಿ, ವರ್ಗದ ಮಾತಾದರೆ ಸೆಸ್ಟೋಡಾ ಅನ್ನಿ. ಹಳೇ ಗ್ರೀಕರ ಸೊಂಟಪಟ್ಟಿಯಿಂದ ಬಂದ ಪದ. ನಮ್ಮವರು ಅದನ್ನೇ ಲಾಡಿ ಅಂದ್ರು. ಕಣ್ಣು ಎಲ್ಲರದ್ದೂ ಒಂದೇ ನೋಡಿ.’ ಆಮೇಲೆ ಲಕ್ಷಣ ಹೇಳುವರು: ಪಟ್ಟಿಯಂಥ ಮೈ, ತುಂಡು ತುಂಡು ಜೋಡಿಸಿದ ಹಾಗೆ. ತಲೆಯಲ್ಲಿ ಕೊಕ್ಕೆ, ಕಚ್ಚಿಕೊಳ್ಳುವ ಬಟ್ಟಲು. ಬಾಯಿಲ್ಲ, ಕರುಳಿಲ್ಲ. ಮೈಯಿಂದಲೇ ಹೀರುತ್ತದೆ. ಯಾವನಾದರೂ ಒಬ್ಬ ಕೇಳಿಯೇ ಕೇಳುವನು: ‘ಬಾಯಿಲ್ದೆ ಬದುಕೋದು ಹೇಗೆ ಸಾರ್?’ ಮೇಷ್ಟ್ರು ಕಾದಿದ್ದವರಂತೆ ಅನ್ನುವರು: ‘ಬೇರೆಯವರ ಬಾಯಿ ಇರೋವಾಗ ಸ್ವಂತದ್ದು ಯಾಕಯ್ಯಾ?’ ಕೋಣೆಯೆಲ್ಲ ನಗು. ಬಾಗಿಲಲ್ಲಿ ನಿಂತ ಶೀಶೆ ಮಾಮನೂ ನಗುವನು. ಮೇಷ್ಟ್ರು ಮಾತ್ರ ಅವನ ಕಡೆ ನೋಡುತ್ತಿರಲಿಲ್ಲ.

ದೊಡ್ಡ ಮೇಷ್ಟ್ರು ನಿವೃತ್ತರಾದರು. ಅವರ ಜಾಗಕ್ಕೆ ಬಂದ ಮೇಡಂ ಒಳ್ಳೆಯವರೇ, ಆದರೆ ಹುಳದ ಮನೆ ಅವರಿಗೆ ಬೇಕಿರಲಿಲ್ಲ. ಹುಡುಗರು ಈಗ ಹುಳಗಳನ್ನು ಪರದೆಯ ಮೇಲೆ ತಿರುಗಿಸಿ ತಿರುಗಿಸಿ ನೋಡುತ್ತಾರೆ, ಈ ಕೋಣೆಗೆ ಕಂಪ್ಯೂಟರುಗಳು ಬರುತ್ತವೆ, ಶೀಶೆಗಳನ್ನು ಆಸ್ಪತ್ರೆಯ ಕಸದ ವ್ಯಾನು ಒಯ್ದು ಸುಡುತ್ತದೆ ಎಂದರು. ಸುಡುತ್ತದೆ ಅನ್ನುವ ಮಾತು ಕೇಳಿ ಶೀಶೆ ಮಾಮ ಅವರ ಮೇಜಿನ ಎದುರು ಹೋಗಿ ನಿಂತ. ಇಷ್ಟು ವರ್ಷ ಕಾಲೇಜಿನಲ್ಲಿ ಯಾರ ಮುಂದೂ ಬಾಯಿಬಿಡದ ಸಂಗತಿಯನ್ನು ಹೇಳಿದ. ಆ ಒಂದು ಶೀಶೆಯನ್ನು ಮನೆಗೆ ಒಯ್ಯಲು ಬಿಡಿ ಎಂದು ಮೇಡಂ ಅವರನ್ನು ಕೇಳಿಕೊಂಡ.

‘ಮನೇಲಿ ಒಪ್ತಾರಾ?’

‘ಒಪ್ಪಿಸ್ತೀನಿ ಮೇಡಂ.’

‘ಒಪ್ಪದಿದ್ರೆ ನಾಳೆ ವ್ಯಾನ್ ಬರೋದ್ರೊಳಗೆ ವಾಪಸ್ ತಂದುಬಿಡಿ. ಎಲ್ಲೆಲ್ಲೋ ಎಸೀಬಾರದು ಅದನ್ನ.’

ಶೀಶೆಯನ್ನು ಟವೆಲಿನಲ್ಲಿ ಸುತ್ತಿ, ಊಟದ ಚೀಲದಲ್ಲಿ ನೆಟ್ಟಗೆ ಕೂರಿಸಿ, ಬಸ್ಸಿನಲ್ಲಿ ತೊಡೆಯ ಮೇಲಿಟ್ಟುಕೊಂಡು ಬಂದ. ಬಸ್ಸು ಕುಲುಕಿದಾಗಲೆಲ್ಲ ಎರಡೂ ಕೈಯಿಂದ ಅಪ್ಪಿ ಹಿಡಿದ. ಪಕ್ಕದ ಹೆಂಗಸು ‘ಸಾರು ಚೆಲ್ಲುತ್ತಾ?’ ಎಂದು ಕೇಳಿದಳು. ಹೌದು ಎಂದ.

ಹೆಂಡತಿ ಶಾಲೆಯಿಂದ ಬಂದು ಕೈಕಾಲು ತೊಳೆದು ಒಳಗೆ ಬರುವಾಗ ಶೀಶೆ ಊಟದ ಮೇಜಿನ ಮೇಲಿತ್ತು. ಸಂಜೆಯ ಬಿಸಿಲು ಅದರ ಮೇಲೆ ಬಿದ್ದು, ಬೆಳ್ಳಗಿನ ಪಟ್ಟಿ ಸುತ್ತುಸುತ್ತಾಗಿ ಮಡಚಿಕೊಂಡಿದ್ದು ಚೆನ್ನಾಗಿ ಕಾಣುತ್ತಿತ್ತು.

‘ಇದೇನ್ರೀ ಇದು, ಮನೆಗೆ ತಂದಿದ್ದೀರಾ?’

ದಾರಿಯುದ್ದಕ್ಕೂ ಜೋಡಿಸಿಟ್ಟುಕೊಂಡ ಮಾತೆಲ್ಲ ಆ ಗಳಿಗೆಗೆ ಕೈಕೊಟ್ಟಿತು. ‘ನಮ್ಮ ಡುಮ್ಮೀದು’ ಎಂದುಬಿಟ್ಟ.

ಅವಳಿಗೆ ಅರ್ಥವಾಗಲು ಸ್ವಲ್ಪ ಹೊತ್ತು ಹಿಡಿಯಿತು. ಅರ್ಥವಾದದ್ದೇ ಗೋಡೆಗೆ ಆತುಕೊಂಡಳು. ‘ಅದನ್ನ ಇಟ್ಕೊಂಡಿದ್ರಾ? ಇಷ್ಟು ವರ್ಷ? ನನ್ ಮಗಳನ್ನ ತಿಂದಿದ್ದನ್ನ ದಿನಾ ತೊಳೆದು ಒರೆಸಿ ಸಾಕ್ತಿದ್ರಾ? ಥೂ! ನಿಮಗೆ ಕರುಳು ಅನ್ನೋದಿದೆಯಾ?’

‘ಇರೋದ್ರಿಂದ್ಲೇ ಇಟ್ಕೊಂಡೆ’ ಎಂದ ಅವನು. ‘ಒಂದು ಮಾತು ಕೇಳು. ನಾಳೆ ಇದನ್ನ ಸುಡ್ತಾರಂತೆ. ಸುಟ್ಟರೆ ಇನ್ನೇನಿದೆ ನಮ್ಮ ಹತ್ರ? ಒಂದು ಫ್ರಾಕ್ ಇದೆಯಾ? ಒಂದು ಚಪ್ಪಲಿ ಇದೆಯಾ? ಈ ಹುಳ ಹೊರಗಿಂದ ಏನೂ ತಂದಿಲ್ಲ ಕಣೇ. ಇದರ ಮೈಯೆಲ್ಲ ಆಗಿದ್ದು ನೀನು ಅವಳಿಗೆ ಕೊಟ್ಟ ತುತ್ತಿನಿಂದ. ನಿನ್ನ ಕೈತುತ್ತು ಇದು.’

ಅಷ್ಟು ಮಾತನ್ನು ಅವನು ಒಟ್ಟಿಗೆ ಆಡಿದ್ದು ಮದುವೆಯಾದ ಮೇಲೆ ಅದೇ ಮೊದಲಿರಬೇಕು. ಅವಳು ಗೋಡೆ ಬಿಟ್ಟು ನಿಧಾನವಾಗಿ ಮೇಜಿನ ಹತ್ತಿರ ಬಂದಳು. ಕುರ್ಚಿ ಎಳೆದು ಕೂತಳು. ಮೂಗು ಗಾಜಿಗೆ ತಾಗುವಷ್ಟು ಬಗ್ಗಿ ನೋಡಿದಳು. ಆಮೇಲೆ ಒಂದು ಬೆರಳನ್ನು ಗಾಜಿನ ಮೇಲಿಟ್ಟಳು, ಜ್ವರದ ಮಗುವಿನ ಹಣೆ ಮುಟ್ಟುವ ಹಾಗೆ. ಒಪ್ಪಿದಳು ಅಂದುಕೊಂಡ ಅವನು. ಅಡುಗೆಮನೆಯ ಕಪಾಟಿನ ಮೂಲೆಯಲ್ಲಿ ಬಿಸಿಲು ಬೀಳುವುದಿಲ್ಲ, ಅಲ್ಲಿಡಬಹುದು ಎಂದು ಮನಸ್ಸಿನಲ್ಲೇ ಜಾಗ ಖಾಲಿ ಮಾಡಿದ.

‘ತಲೆ ಯಾವುದ್ರೀ?’ ಅವಳ ದನಿ ಮೆತ್ತಗಾಗಿತ್ತು.

‘ಇಲ್ಲಿ ನೋಡು, ಈ ಸಣ್ಣ ತುದಿ. ಸಾಸಿವೆಯಷ್ಟಿದೆಯಲ್ಲ, ಅದೇ.’

‘ಬಾಯಿ ಎಲ್ಲಿದೆ ಇದಕ್ಕೆ?’

ಅಯ್ಯೋ ಪುಣ್ಯಾತ್ಮ, ಅಲ್ಲಿ ಸುಮ್ಮನಿರಬಾರದಿತ್ತೇ! ಕಣ್ಣು ಮಂಜು, ಕಾಣುತ್ತಿಲ್ಲ ಅನ್ನಬಹುದಿತ್ತು. ಆದರೆ ಅವಳು ಕೇಳಿದಳು ಅನ್ನುವ ಖುಷಿಯೇ ಅವನಿಗೆ ದೊಡ್ಡದಾಯಿತು. ಹುಳದ ಪರವಾಗಿ ಒಂದು ಒಳ್ಳೆಯ ಮಾತು ಹೇಳುವ ಅವಕಾಶ ಸಿಕ್ಕಿತೆಂದು ಹಿಗ್ಗಿಹೋದ.

‘ಬಾಯೇ ಇಲ್ಲ ಇದಕ್ಕೆ! ಸೆಸ್ಟೋಡಾ ಅಂದ್ರೇನೇ ಹಾಗೆ. ಬಾಯಿಲ್ಲ, ಕರುಳಿಲ್ಲ, ಪಾಪ, ಸುಮ್ನೆ ಮೈಯಿಂದ ಹೀರಿಕೊಂಡು ಬಿದ್ದಿರುತ್ತೆ. ದೊಡ್ಡ ಮೇಷ್ಟ್ರು ಹೇಳೋರು, ಬೇರೆಯವರ ಬಾಯಿ ಇರೋವಾಗ ಸ್ವಂತದ್ದು ಯಾಕಯ್ಯಾ ಅಂತ.’ ಎಂದಿನ ಅಭ್ಯಾಸದಂತೆ ಆ ಮಾತಿನ ಕೊನೆಗೆ ನಕ್ಕ.

ಅವಳು ನಗಲಿಲ್ಲ. ಗಾಜಿನ ಮೇಲಿದ್ದ ಬೆರಳನ್ನು ತೆಗೆದಳು.

‘ಹಾಗಾದ್ರೆ ಅವತ್ತು ಕೇಳಿದ್ದು ಯಾರ್ರೀ?’

‘ಯಾವತ್ತು?’ ಎಂದ. ಅಂದ ಮೇಲೆ, ಆಸ್ಪತ್ರೆಯ ಬೆಂಚು, ಗೋಡೆ, ಅವಳ ಕೈ, ತಾನು ಆಡಿದ ಮಾತು, ಎಲ್ಲ ಒಮ್ಮೆಗೇ ನೆನಪಿಗೆ ಬಂತು. ‘ಹಾಗಲ್ಲ ಕಣೇ... ಹಸಿವು ಮಾಡಿಸಿದ್ದು ಇದೇ ತಾನೇ... ಕೇಳಿದ ಹಾಗೇ ಅಲ್ವಾ ಅದು...’

‘ಹೀರಿದ್ದು ಇದು’ ಎಂದಳು ಅವಳು, ಒಂದೊಂದೇ ಮಾತನ್ನು ಬಿಡಿಸಿಡುತ್ತಾ. ‘ಹಸಿವಾಗಿದ್ದು ಅವಳಿಗೆ. ಅಮ್ಮಾ, ಇನ್ನೊಂದೇ ಒಂದು ಅಂದಿದ್ದು ನನ್ ಡುಮ್ಮಿ. ಹುಳಕ್ಕೆ ಬಿತ್ತು, ಹುಳಕ್ಕೆ ಬಿತ್ತು ಅಂತ ದಿನಾ ಹೇಳ್ಕೊಂಡು ಬದುಕಿದ್ನಲ್ರೀ ನಾನು. ನೀವೇ ಹೇಳಿದ್ರಲ್ರೀ! ನಿಮಗೆ ಇದಕ್ಕೆ ಬಾಯಿಲ್ಲ ಅಂತ ಗೊತ್ತಿತ್ತಾ?’

ಅವತ್ತು ಗೊತ್ತಿರಲಿಲ್ಲ ಅನ್ನಬಹುದಿತ್ತು, ಇಲ್ಲವೇ ಆಮೇಲೆ ವರ್ಷ ವರ್ಷವೂ ಕೇಳಿದೆ, ಒಂದು ಸಲವೂ ನಿನ್ನ ಏಟು ನೆನಪಾಗಲಿಲ್ಲ ಅನ್ನಬಹುದಿತ್ತು. ಎರಡೂ ನಿಜ.

‘ತಗೊಂಡ್ಹೋಗಿ ಅದನ್ನ’ ಎಂದಳು. ‘ಸುಡ್ಲಿ, ಬಿಡ್ಲಿ. ಅದರ ಮೇಲೆ ನಂಗೇನೂ ಸಿಟ್ಟಿಲ್ಲ. ಅದಕ್ಕೆ ನಾನು ಹೊಡೆದೇ ಇಲ್ಲ.’

ಅಷ್ಟು ಹೇಳಿ ಬಲಗೈಯನ್ನು ಮಡಿಲಲ್ಲಿ ಅಂಗಾತ ಇಟ್ಟುಕೊಂಡು ಅದನ್ನೇ ನೋಡುತ್ತಾ ಅತ್ತಳು. ಮಗಳು ಸತ್ತ ದಿನವೂ ಅವಳು ಹೀಗೆ ಅತ್ತಿರಲಿಲ್ಲ. ಅವನು ಶೀಶೆಯನ್ನು ಮೇಜಿನಿಂದ ಎತ್ತಿಕೊಂಡ. ಕಪಾಟಿನ ಮೂಲೆಗೆ ಇಡಲಾಗಲಿಲ್ಲ, ಚೀಲಕ್ಕೆ ಹಾಕಲೂ ಆಗಲಿಲ್ಲ. ಅವಳು ಅಳು ನಿಲ್ಲಿಸುವವರೆಗೂ ಅದನ್ನು ಎದೆಗೊತ್ತಿಕೊಂಡು ಅಲ್ಲೇ ನಿಂತಿದ್ದ.