ಬದು ದಾಟಿದ ಸೆರಗು

ಚಟ್ಟಕ್ಕೆ ಹಗ್ಗ ಸುತ್ತುತ್ತಿದ್ದ ವಸಂತ ಎಷ್ಟು ಬಿಗಿಯಾಗಿ ಎಳೆದನೆಂದರೆ ಬಿದಿರಿನ ಗಳು ಚಟಾರೆಂದು ಸೀಳಿತು. ಎದುರು ಕೂತಿದ್ದ ಮುದುಕ ಅಪ್ಪಯ್ಯಣ್ಣ ಇನ್ನೊಂದು ಗಳು ತರಿಸಿ, ಅವನ ಕೈಯಿಂದ ಹಗ್ಗ ಕಿತ್ತುಕೊಂಡ.

"ಹೆಣದ ಮೇಲೆ ಯಾಕ್ಲಾ ಸಿಟ್ಟು?"

"ಹೆಣದ ಮೇಲಲ್ಲ."

ಯಾರ ಮೇಲೆಂದು ಅಪ್ಪಯ್ಯಣ್ಣನಿಗೂ ಗೊತ್ತಿತ್ತು. ದೊಡ್ಡಬಳ್ಳಾಪುರದ ಆ ಬೀದಿಯಲ್ಲಿ ಸಾವಾದರೆ, ಹೆಣ ತಿರುವು ದಾಟುವವರೆಗೆ ಯಾರೂ ಮಗ್ಗ ಓಡಿಸುವುದಿಲ್ಲ. ಬೆಳಗ್ಗೆಯಿಂದ ಮನೆಮನೆಯ ಸದ್ದೂ ಅಡಗಿತ್ತು. ತಿರುವಿನ ಶೆಡ್ಡಿನಲ್ಲಿ ಮಾತ್ರ ಸಾಹುಕಾರ ಆದಿನಾರಾಯಣಪ್ಪನ ಮಗ್ಗಗಳು ನಾಚಿಕೆಯಿಲ್ಲದೆ ಬಡಿದುಕೊಳ್ಳುತ್ತಿದ್ದವು. ಒಳಗೆ ಚಾಪೆಯ ಮೇಲೆ ಮಲಗಿಸಿದ್ದ ಬೈರೇಶ ವರ್ಷಗಟ್ಟಲೆ ದುಡಿದದ್ದು ಅಲ್ಲಿಯೇ. ಮಗ್ಗದ ತಲೆಯ ಮೇಲೆ ಕೂತು ಯಾವ ಎಳೆ ಏಳಬೇಕೆಂದು ಹೇಳುವ ಡಿಸೈನ್ ಬಾಕ್ಸುಗಳಿಗೆ ಪ್ರೋಗ್ರಾಂ ಬರೆದವನು ಅವನು. ನಿನ್ನೆ ಟೀ ಅಂಗಡಿಯ ಬೆಂಚಿನ ಮೇಲೆ ಎದೆ ಹಿಡಿದುಕೊಂಡು ಕೂತವನು ಮತ್ತೆ ಏಳಲಿಲ್ಲ.

ಆದಿನಾರಾಯಣಪ್ಪ ದಪ್ಪನೆಯ ಹಾರ ತಂದು ಹಾಕಿದ. ಕೈ ಮುಗಿದ. ಆಮೇಲೆ ನಾಲ್ಕು ಜನಕ್ಕೆ ಕೇಳುವ ಹಾಗೆ ಹೇಳಿದ: "ಒಳ್ಳೆ ಮನುಷ್ಯ. ಪ್ರೋಗ್ರಾಂ ಒಂದ್ರಲ್ಲಿ ಯಾಮಾರ್ಬಿಟ್ಟ. ಮದ್ವೆ ಸೀರೆಗಳೆಲ್ಲ ಸೆರಗು ಕೆಟ್ಟು ವಾಪಸ್ ಬಂದ್ವು. ಅದೇ ಕೊರಗು ಎದೆಗೆ ಹತ್ತಿರ್ಬೇಕು, ಪಾಪ."

ಬಾಯಿಗೆ ಬಟ್ಟೆ ಕಟ್ಟಿಸಿಕೊಂಡು ಮಲಗಿದವನ ಮೇಲೆ ಹೊರೆ ಹೊರಿಸಲು ಎಷ್ಟು ಧೈರ್ಯ ಬೇಕು? ವಸಂತನ ಮೈಯೆಲ್ಲ ಉರಿದುಹೋಯಿತು. ತಪ್ಪೇನಿದ್ದರೂ ಸಾಹುಕಾರ ಅಗ್ಗಕ್ಕೆ ತಂದ ಡಿಸೈನಿನದು ಎಂದು ಅವನು ಗಟ್ಟಿಯಾಗಿ ನಂಬಿದ್ದ. ಹೆಣದ ತಲೆಯ ಬಳಿ ಕೂತಿದ್ದ ಬೈರೇಶನ ಹೆಂಡತಿ ಶಾಮಲಾ ಅಳು ನಿಲ್ಲಿಸಿ ಅವನನ್ನು ನೋಡಿದಳು.

"ಹೌದೇನೋ ವಸಂತ? ನಿಮ್ಮಣ್ಣಂದೇ ತಪ್ಪಾ?"

ಒಡಹುಟ್ಟಿದ ಅಣ್ಣನಲ್ಲ. ಒಂಬತ್ತನೇ ಕ್ಲಾಸಿಗೆ ಶಾಲೆ ಬಿಟ್ಟು ಮಗ್ಗಕ್ಕೆ ಬಿದ್ದ ವಸಂತನನ್ನು ಪಕ್ಕದಲ್ಲಿ ಕೂರಿಸಿಕೊಂಡು ಕೀಬೋರ್ಡು ಮುಟ್ಟಿಸಿದವನು.

"ಅಲ್ಲ ಅತ್ಗೆ. ಎತ್ತೋದ್ರೊಳ್ಗೆ ತೋರಿಸ್ತೀನಿ."

*

ಶೆಡ್ಡಿನ ಕಚೇರಿಯ ಕಂಪ್ಯೂಟರಿಗೆ ಬೈರೇಶ ಹಿಂದೊಮ್ಮೆ ಒಂದು ಲೈಬ್ರರಿ ಇಳಿಸಿದ್ದ. ಎಲ್ಲೆಲ್ಲಿಯದೋ ಜನ ಸೇರಿ ಬರೆದು, ಯಾರು ಬೇಕಾದರೂ ಬಳಸಿಕೊಳ್ಳಿ ಎಂದು ಬಿಟ್ಟುಕೊಟ್ಟ ಫೈಲು. ಆನ್ ಆಗುವಾಗ ಎಲ್ಲ ಬಾಕ್ಸುಗಳೂ ಆ ಕಂಪ್ಯೂಟರಿನಿಂದಲೇ ಪ್ರೋಗ್ರಾಂ ಎತ್ತಿಕೊಳ್ಳುತ್ತಿದ್ದವು. ಪ್ರೋಗ್ರಾಮಿನ ಜೊತೆಗೆ ಆ ಒಂದೇ ಲೈಬ್ರರಿ ಎಲ್ಲ ಬಾಕ್ಸುಗಳಿಗೂ ಕಾವಲಾಗಿ ಹೋಗುತ್ತಿತ್ತು.

"ಮೆಮೊರಿ ಅಂದ್ರೆ ಹೊಲ ಅಂದ್ಕೋ," ಎಂದಿದ್ದ ಬೈರೇಶ. "ಪ್ರೋಗ್ರಾಮಿಗೆ ಇಷ್ಟು ಅಂತ ಅಳೆದು ಕೊಟ್ಟಿರ್ತೀವಿ. ಅದು ಬದು ದಾಟಿ ಪಕ್ಕದೋನ ಹೊಲ ಉತ್ರೆ ಆವಾಗ ಯಾರ್ಗೂ ತಿಳಿಯಲ್ಲ. ಮಗ್ಗ ಓಡ್ತಾನೇ ಇರುತ್ತೆ, ಆಮೇಲೆ ಇನ್ನೆಲ್ಲೋ ಸೆರಗು ಕೆಡುತ್ತೆ. ಈ ಲೈಬ್ರರಿ ಇದ್ರೆ ಬದುವಿನ ಹತ್ರಾನೇ ಹಿಡ್ದು ನಿಲ್ಸುತ್ತೆ. ಪ್ರೋಗ್ರಾಮಿನ ಯಾವ ಸಾಲು ತಪ್ಪು ಅಂತಾನೂ ಹೇಳುತ್ತೆ."

ಆ ನಿಲ್ಲಿಸುವುದೇ ಕಂಟಕವಾಯಿತು. ಸೀರೆಗಿಷ್ಟು ಎಂದು ಕೂಲಿ ಎಣಿಸುವವರಿಗೆ ಕೆಂಪು ದೀಪ ಹತ್ತಿದರೆ ಪಿತ್ತ ನೆತ್ತಿಗೇರುತ್ತಿತ್ತು. ಬಾಕ್ಸುಗಳು ಮೊದಲಿಗಿಂತ ನಿಧಾನವೂ ಆಗಿದ್ದವು. ಬೈರೇಶನಾದರೂ ಬಾಯಿ ಮುಚ್ಚಿಕೊಂಡಿದ್ದನೇ? ಎಲೆಅಡಿಕೆ ಜಗಿಯುತ್ತ ಬಂದು, ನಿಂತ ಮಗ್ಗದ ಮುಂದೆ ಹಲ್ಲು ಕಿರಿದು "ಸಿಕ್ಕಾಕ್ಕೊಂತು ನೋಡು" ಎನ್ನುತ್ತಿದ್ದ. ಅದೇ ಶೆಡ್ಡಿನಲ್ಲಿ ಕೂಲಿಗಿದ್ದ ವಸಂತನೂ ಮನಸ್ಸಿನಲ್ಲೇ ಬೈದುಕೊಂಡದ್ದುಂಟು.

ಮದುವೆ ಸೀರೆಗಳ ಆರ್ಡರು ಬಂದಾಗ ಆದಿನಾರಾಯಣಪ್ಪ ಆ ಲೈಬ್ರರಿಯನ್ನು ತೆಗೆದುಹಾಕು ಎಂದ.

"ತೆಗೆದ್ರೆ ನನ್ ತಪ್ಪು ನಂಗೇ ಕಾಣಲ್ಲ ಸಾವ್ಕಾರ್ರೇ."

"ಮಗ್ಗ ನಿಲ್ಸಕ್ಕೆ ನಿಂಗೆ ಸಂಬಳ ಕೊಡ್ಲಾ?"

ಬೈರೇಶ ಮುಟ್ಟಲಿಲ್ಲ. ಸಾಹುಕಾರ ಬೇರೆ ಯಾರನ್ನೋ ಕರೆಸಿ, ಲೈಬ್ರರಿಯನ್ನು ಕರೆಯುವ ಸಾಲನ್ನು ಕಂಪ್ಯೂಟರು ಓದದ ಹಾಗೆ ಅದರ ಮುಂದೆ ಒಂದು ಗುರುತು ಹಾಕಿಸಿ ಕಾವಲನ್ನು ಮಲಗಿಸಿದ. ಕೆಂಪು ದೀಪ ಹತ್ತುವುದು ನಿಂತಿತು. ಎಲ್ಲರಿಗೂ ಖುಷಿ. ಸೀರೆಗಳು ವಾಪಸು ಬಂದ ಮೇಲೆ ಕೆಲಸ ಕಳೆದುಕೊಂಡು ಮನೆಗೆ ಹೋದವನು ಬೈರೇಶ ಒಬ್ಬನೇ.

*

ತಮಟೆ ಶುರುವಾದಾಗ ವಸಂತ ಶೆಡ್ಡಿನ ಕಚೇರಿಯಲ್ಲಿದ್ದ. ಲೈಬ್ರರಿಯನ್ನು ಮಲಗಿಸಿದ್ದ ಗುರುತು ಅಳಿಸಲು ಒಂದು ಬೆರಳು ಸಾಕಾಯಿತು. ಮೇನ್ ಸ್ವಿಚ್ಚು ಇಳಿಸಿ ಮತ್ತೆ ಏರಿಸಿದ. ಇವತ್ತಿನ ಮಟ್ಟಿಗೆ ಹೊರಗಿನಿಂದ ಕರೆಸಿದ್ದ ಕೂಲಿಯವರು ಕರೆಂಟು ಹೋಗಿ ಬಂತೆಂದುಕೊಂಡು ಮಗ್ಗಗಳನ್ನು ಚಾಲೂ ಮಾಡಿದರು. ಸೀರೆಯ ಡಿಸೈನು ಬದಲಾಗಿತ್ತು, ಅದನ್ನು ನೇಯಿಸುವ ಪ್ರೋಗ್ರಾಂ ಮಾತ್ರ ಹಳೆಯದೇ. ಒಡಲು ನೇಯುತ್ತಿರುವಾಗಲೇ ಬಾಕ್ಸುಗಳು ಮುಂದಿನ ಸೆರಗನ್ನು ಮೆಮೊರಿಗೆ ತುಂಬಿಕೊಳ್ಳತೊಡಗಿದವು.

ಮೊದಲ ಮಗ್ಗ ನಿಂತಿತು. ಕೆಂಪು ದೀಪ. ಅದರ ಪಕ್ಕದ್ದು ನಿಂತಿತು. ಆಮೇಲೆ ಒಂದರ ಹಿಂದೊಂದು ಎಲ್ಲವೂ.

ವಸಂತ ಪರದೆಗೆ ಬಗ್ಗಿದ. ಸಾಹುಕಾರನ ಡಿಸೈನ್ ಫೈಲಿನ ಹೆಸರು ಇರುತ್ತದೆ, ಮುಖಕ್ಕೆ ಹಿಡಿಯುತ್ತೇನೆ ಎಂದುಕೊಂಡಿದ್ದ. ತಾನು ಬರೆದ ಪ್ರತಿ ಫೈಲಿಗೂ ತನ್ನ ಹೆಸರಿಡುವುದು ಬೈರೇಶನ ಚಾಳಿ. ಬದು ದಾಟಿದ ಸಾಲಿನ ಪಕ್ಕದಲ್ಲಿ ಆ ಹೆಸರೇ ಇತ್ತು.

ಸದ್ದಡಗಿದ್ದನ್ನು ಕೇಳಿ ಓಡಿಬಂದ ಆದಿನಾರಾಯಣಪ್ಪ ಅವನ ಭುಜದ ಮೇಲಿಂದ ಓದಿದ.

"ನಾನ್ ಹೇಳ್ಲಿಲ್ವಾ? ಅವನ್ದೇ."

ಅಷ್ಟರಲ್ಲಿ ಚಟ್ಟ ಶೆಡ್ಡಿನ ಮುಂದೆ ಬಂದಿತ್ತು. ಬಾಗಿಲಲ್ಲಿ ಶಾಮಲಾ ನಿಂತಿದ್ದಳು. ಅವಳು ಏನೂ ಕೇಳಲಿಲ್ಲ. ಕೇಳಿದ್ದರೆ ಸುಳ್ಳು ಹೇಳುವುದು ಸುಲಭವಾಗುತ್ತಿತ್ತೇನೋ.

"ಅಣ್ಣಂದೇ ತಪ್ಪು ಅತ್ಗೆ," ಎಂದ ವಸಂತ. "ಅದು ಹಿಡಿಯಕ್ಕೆ ಕಾವಲು ಇಟ್ಟೋನೂ ಅವ್ನೇ. ಕಾವಲಿನ ಕಣ್ಣು ಕಟ್ಟಿದ್ದು ಇವ್ರು."

ಆದಿನಾರಾಯಣಪ್ಪ ಪರದೆಯಿಂದ ಸರಿದ. ಮಗ್ಗಗಳನ್ನು ಮತ್ತೆ ಓಡಿಸಲು ಮೇನ್ ಸ್ವಿಚ್ಚಿನ ಕಡೆ ಕೈ ಚಾಚಿದ. ಶಾಮಲಾ ಒಳಗೆ ಬಂದು, ಪರದೆಯ ಮೇಲಿನ ಗಂಡನ ಹೆಸರನ್ನು ಒಮ್ಮೆ ನೋಡಿ, ಸ್ವಿಚ್ಚಿಗೆ ಬೆನ್ನು ಕೊಟ್ಟು ನಿಂತಳು.

"ತಿರುವು ದಾಟೋವರ್ಗೂ ನಿಂತೇ ಇರ್ಲಿ ಸಾವ್ಕಾರ್ರೇ."

ತಮಟೆ ನಿಂತಿತು. ಚಟ್ಟ ಹೊತ್ತವರೂ ಅರೆಗಳಿಗೆ ನಿಂತರು. ಯಾರೋ ಎರಚಿದ ಪುರಿ ಗಾಳಿಗೆ ಒಳಗೆ ಹಾರಿ ಅರ್ಧ ನೇಯ್ದ ಸೀರೆಯ ಮೇಲೆ ಬಿತ್ತು. ಮೇಲೆ ದೀಪ ಹತ್ತಿ ಆರುತ್ತಿತ್ತು. ಕೆಳಗೆ ಪುರಿ ಕೆಂಪಗಾಗಿ, ಬೆಳ್ಳಗಾಗಿ, ಮತ್ತೆ ಕೆಂಪಗಾಗುತ್ತಿತ್ತು.