ಟೈಲರಮ್ಮನ ಪಾಲಿನ ಕೆಲಸ

"ಭಾವ, ಉಸಿರಾಡೋದಕ್ಕೂ ಒಂದು ಚೀಟಿ ಅಂಟಿಸಿಬಿಡಿ. ಯಾರಾದ್ರೂ ಮರೆತುಗಿರೆತು ಬಿಟ್ಟಾರು" ಎಂದಳು ನಾದಿನಿ. ಚೀಟಿಗಳ ಕಟ್ಟು ಹಿಡಿದು ನಿಂತು ನಿಂತು ಅವಳ ಕಾಲು ಸೋತಿತ್ತು.

ಕುರ್ಚಿಯ ಮೇಲೆ ಹತ್ತಿ ನಿಂತಿದ್ದ ಸಾಹೇಬರು ತಿರುಗಿ ನೋಡಲಿಲ್ಲ. ಹಳದಿ ಚೀಟಿಯೊಂದನ್ನು ನಡುಮನೆಯ ಗೋಡೆಗೆ ಒತ್ತಿ, ಹಿಂದಕ್ಕೆ ಬಾಗಿ, ಸಾಲು ನೆಟ್ಟಗಿದೆಯೇ ಎಂದು ಒಂದು ಕಣ್ಣು ಮುಚ್ಚಿ ನೋಡಿದರು. ಗೋಡೆಯ ತುಂಬ ಮೂರು ಅಂಕಣ. ಮಾಡಬೇಕಾದ ಕೆಲಸ, ನಡೆಯುತ್ತಿರುವ ಕೆಲಸ, ಮುಗಿದ ಕೆಲಸ. ಹಳದಿ ಚೀಟಿ ಸಾಹೇಬರದು, ಹಸಿರು ನಾದಿನಿಯದು. ಬಚ್ಚಲಿಗೆ ಹಿಡಿಕೆ ಕೂರಿಸಲು ಬಂದ ಬಡಗಿಯ ಹೆಸರಿಗೂ ಒಂದು ನೀಲಿ ಚೀಟಿ ಇತ್ತು. ಅದನ್ನು ನೋಡಿ ಅವನು, ತನಗೇನಾದರೂ ನೋಟಿಸು ಬಂದಿದೆಯೇ ಎಂದು ಗಾಬರಿಯಾಗಿದ್ದ.

ಸೇತುವೆ ಕಟ್ಟುವ ಕಂಪನಿಯೊಂದರಲ್ಲಿ ಯಾವ ಕೆಲಸದ ಮೊದಲು ಯಾವುದು, ಯಾರು ಮಾಡಬೇಕು, ಎಂದಿಗೆ ಮುಗಿಯಬೇಕು ಎಂದು ಗೊತ್ತು ಮಾಡುವುದೇ ಅವರ ನೌಕರಿ. ದೊಡ್ಡ ಕೆಲಸವನ್ನು ದಿನಕ್ಕೊಂದು ಮುಗಿಯುವಂಥ ಚೂರುಗಳಾಗಿ ಒಡೆಯಬೇಕು, ಪ್ರತಿ ಚೂರಿಗೂ ಒಬ್ಬನೇ ಒಬ್ಬ ಜವಾಬ್ದಾರ ಇರಬೇಕು, ಇಬ್ಬರ ಕೈಗೆ ಕೊಟ್ಟರೆ ಅದು ಯಾರ ಕೆಲಸವೂ ಅಲ್ಲ ಎಂದು ಹೊಸದಾಗಿ ಸೇರಿದವರಿಗೆಲ್ಲ ಪಾಠ ಹೇಳುತ್ತಿದ್ದರು. ವಾರಕ್ಕೊಮ್ಮೆ ಕೆಲಸಗಾರರನ್ನು ಗೋಡೆಯ ಮುಂದೆ ನಿಲ್ಲಿಸಿಕೊಂಡು, ಒಬ್ಬೊಬ್ಬರನ್ನೂ ಒಂದೇ ಮಾತು ಕೇಳುತ್ತಿದ್ದರು: ನಿನ್ನ ಕೆಲಸಕ್ಕೆ ಏನು ಅಡ್ಡ ಬಂದಿದೆ? ಬೈಯುವುದಿಲ್ಲ, ಗದರುವುದಿಲ್ಲ. ಅಡ್ಡ ಬಂದದ್ದನ್ನು ತೆಗೆಯುವುದು ತಮ್ಮ ಕೆಲಸ ಎನ್ನುತ್ತಿದ್ದರು. ಗಾರೆಯವರು ಅವರಿಗೆ ಚೀಟಿ ಸಾಹೇಬರು ಎಂದು ಹೆಸರಿಟ್ಟಿದ್ದರು. ಆ ಹೆಸರು ಅವರ ಕಿವಿಗೂ ಬಿದ್ದಿತ್ತು, ಒಳಗೊಳಗೇ ಖುಷಿಯನ್ನೂ ಕೊಟ್ಟಿತ್ತು.

ಈಗ ಆಸ್ಪತ್ರೆಯಿಂದ ಮನೆಗೆ ಬರಬೇಕಾಗಿದ್ದವರು ಅವರ ಹೆಂಡತಿ, ಬೀದಿಯವರ ಬಾಯಲ್ಲಿ ಟೈಲರಮ್ಮ. ಮನೆಯ ಮುಂದಿನ ಕೋಣೆಯಲ್ಲಿ ಹೊಲಿಗೆ ಯಂತ್ರ ಇಟ್ಟುಕೊಂಡು ಬೀದಿಯ ಅರ್ಧ ಮಕ್ಕಳ ಶಾಲೆಯ ಅಂಗಿಗಳನ್ನು ಹೊಲಿದವರು. ಒಂದು ಮಧ್ಯಾಹ್ನ ಬಟ್ಟೆ ಕತ್ತರಿಸುತ್ತಿದ್ದಾಗ ಕತ್ತರಿ ಕೈಯಿಂದ ಜಾರಿ ಬಿತ್ತು. ಎತ್ತಿಕೊಳ್ಳಲು ಹೋದರೆ ಬಲಗೈ ಮಾತು ಕೇಳಲಿಲ್ಲ. ಪಾರ್ಶ್ವವಾಯು ಎಂದರು ಆಸ್ಪತ್ರೆಯಲ್ಲಿ. ಮಾತು ಬೇಗ ಮರಳಿತು, ಪದಕ್ಕೆ ಸ್ವಲ್ಪ ತಡಕಾಡಬೇಕಿತ್ತು ಅಷ್ಟೆ. ಕಾಲೂ ಊರುಗೋಲಿನ ಮೇಲೆ ಅಷ್ಟಿಷ್ಟು ನಡೆಯತೊಡಗಿತು. ಬಲಗೈ ಮಾತ್ರ ಮುನಿಸಿಕೊಂಡೇ ಇತ್ತು. ಮೊದಲ ಕೆಲವು ತಿಂಗಳಲ್ಲಿ ಕೈಯಿಂದ ಎಷ್ಟು ಕೆಲಸ ಮಾಡಿಸುತ್ತೀರೋ ಅಷ್ಟು ಅದು ಮರಳುತ್ತದೆ, ಸುಮ್ಮನೆ ಬಿಟ್ಟರೆ ಹಾಗೇ ಉಳಿದುಬಿಡಬಹುದು ಎಂದು ಡಾಕ್ಟರು ಒತ್ತಿ ಹೇಳಿ ಕಳಿಸಿದ್ದರು.

ಸಾಹೇಬರ ಯೋಜನೆ ಸೇತುವೆಗೂ ಸಾಟಿಯಾಗುವಂತಿತ್ತು. ಆಕೆ ಹೊಸ್ತಿಲು ದಾಟುವ ಹೊತ್ತಿಗೆ ಮಂಚ ಕಿಟಕಿಯ ಬಳಿ ಬಂದಿತ್ತು, ಬಚ್ಚಲಿಗೆ ಹಿಡಿಕೆ ಬಂದಿತ್ತು, ಜಾರುವ ಕಾಲೊರಸುಗಳೆಲ್ಲ ಅಟ್ಟ ಸೇರಿದ್ದವು. ಮಾತ್ರೆ ಕೊಡುವುದು ಹಳದಿ, ಸ್ನಾನ ಮಾಡಿಸುವುದು ಹಸಿರು, ಊಟ ಮಾಡಿಸುವುದು ಮಧ್ಯಾಹ್ನ ಹಸಿರು, ಸಂಜೆ ಹಳದಿ. ಮಾಡಿದವರೇ ಬಂದು ತಮ್ಮ ಚೀಟಿಯನ್ನು ಮುಗಿದ ಅಂಕಣಕ್ಕೆ ದಾಟಿಸಬೇಕು, ಬೇರೆಯವರು ಮುಟ್ಟುವಂತಿಲ್ಲ. ಪಕ್ಕದ ಬೀದಿಯಲ್ಲೇ ಇದ್ದ ನಾದಿನಿ ಬೆಳಿಗ್ಗೆ ಬಂದು ಸಂಜೆ ಹೋಗುತ್ತಿದ್ದಳು. ಭಾವನನ್ನು ಎಷ್ಟು ಗೇಲಿ ಮಾಡಿದರೂ, ಚೀಟಿ ದಾಟಿಸುವಾಗ ಅವಳ ಮುಖದಲ್ಲೂ ಒಂದು ಗೆಲುವು ಕಾಣುತ್ತಿತ್ತು.

ಟೈಲರಮ್ಮ ಮಂಚದ ಮೇಲೆ ಒರಗಿ ಇದನ್ನೆಲ್ಲ ನೋಡುತ್ತಿದ್ದರು. ಮೊದಮೊದಲು ನಗು ಬಂತು. ಗಂಡ ತನಗಾಗಿ ಇಷ್ಟೆಲ್ಲ ಮಾಡುತ್ತಿದ್ದಾರೆ ಎಂದು ಕಣ್ಣೂ ತುಂಬಿತು. ಗೋಡೆಯ ತುಂಬ ತಮ್ಮದೇ ಸುದ್ದಿ. ಎಬ್ಬಿಸುವುದು, ಕೂರಿಸುವುದು, ತಿನ್ನಿಸುವುದು, ಮಲಗಿಸುವುದು. ತಾವು ಮಾಡಬೇಕಾದ್ದು ಮಾತ್ರ ಒಂದೂ ಇಲ್ಲ. ಕೈ ವ್ಯಾಯಾಮ ಎಂಬ ಚೀಟಿಯೂ ಹಳದಿಯೇ, ಅದರಲ್ಲಿ 'ಮಾಡಿಸುವುದು' ಎಂದು ಬರೆದಿತ್ತು.

ಒಂದು ಮಧ್ಯಾಹ್ನ ನಾದಿನಿ ಒಣಗಿದ ಬಟ್ಟೆಗಳನ್ನು ತಂದು ಮಂಚದ ಮೇಲೆ ಸುರಿದು ಮಡಿಸಲು ಕುಳಿತಾಗ, ಇದನ್ನು ಬಿಡು, ನೀನು ಒಂದು ನಿದ್ದೆ ತೆಗೆ ಎಂದರು ಟೈಲರಮ್ಮ. ಅವಳು ಎಷ್ಟು ಬೇಡವೆಂದರೂ ಕೇಳಲಿಲ್ಲ. ಬಲಗೈಯನ್ನು ಎಡಗೈಯಿಂದಲೇ ಎತ್ತಿ ಬಟ್ಟೆಯ ಮೇಲೆ ಭಾರಕ್ಕೆ ಇಟ್ಟರು. ಎಡಗೈಯಿಂದ ತುದಿ ಎಳೆದು ಮಡಿಸಿದರು. ಟವೆಲುಗಳು ಮಣಿದವು. ಅಂಗಿಗಳು ಸತಾಯಿಸಿದವು. ತೋಳು ಒಳಗೆ ಸೇರಿಸಿದರೆ ಕಾಲರು ಹೊರಗೆ ಬರುತ್ತಿತ್ತು. ಬಲಗೈ ಒಂದೆರಡು ಸಲ ತಾನಾಗಿಯೇ ಬೆರಳು ಬಾಗಿಸಿ ಬಟ್ಟೆಯನ್ನು ಹಿಡಿಯಲು ನೋಡಿತು. ಮುಗಿಯುವ ಹೊತ್ತಿಗೆ ಆಕೆಯ ಕುತ್ತಿಗೆ ಬೆವೆತಿತ್ತು, ಬಿಸಿಲು ಕಿಟಕಿಯಿಂದ ಆಚೆ ಸರಿದಿತ್ತು. ಮಂಚದ ಪಕ್ಕದ ಬೆಂಚಿನ ಮೇಲೆ ಮನೆಯ ಅಷ್ಟೂ ಬಟ್ಟೆ ವಾಲಿಕೊಂಡು ನಿಂತಿತ್ತು. ಆಸ್ಪತ್ರೆಗೆ ಹೋದ ಮೇಲೆ ಅಷ್ಟು ಸಂತೋಷ ಆಕೆಗೆ ಆಗಿರಲಿಲ್ಲ.

ನಾದಿನಿ ಆ ಸುದ್ದಿಯನ್ನು ಹೊಟ್ಟೆಯಲ್ಲಿ ಇಟ್ಟುಕೊಳ್ಳಲಾರದೆ, ಸಂಜೆ ಭಾವ ಚಪ್ಪಲಿ ಬಿಡುವ ಮೊದಲೇ ಹೇಳಿಬಿಟ್ಟಳು. ಸಾಹೇಬರಿಗೂ ಹಿಗ್ಗು. ಒಳಗೆ ಬಂದು ನೋಡಿದರೆ ಹೆಂಡತಿ ಗೋಡೆಯ ಕಡೆ ಮುಖ ಮಾಡಿ ಮಲಗಿದ್ದರು, ದಣಿದು ನಿದ್ದೆ ಹೋಗಿರಬೇಕು ಎಂದುಕೊಂಡರು. ಬಟ್ಟೆಗಳ ಮುಂದೆ ಒಂದು ಗಳಿಗೆ ಅಕ್ಕರೆಯಿಂದ ನಿಂತರು. ಆಮೇಲೆ ಅವರ ಕೈ ಸುಮ್ಮನಿರಲಿಲ್ಲ. ಹೀಗೇ ಇಟ್ಟರೆ ಬೀರುವಿನಲ್ಲಿ ಹಿಡಿಯುವುದಿಲ್ಲ ಎಂದು ಮೇಲಿನ ಅಂಗಿಯನ್ನು ಬಿಚ್ಚಿ ಮಡಿಸಿದರು. ಮತ್ತೊಂದು ಬಿಚ್ಚಿದರು. ಸದ್ದಾಗದಂತೆ, ಒಂದೊಂದನ್ನೇ ಕೊಡವಿ, ಅಂಚಿಗೆ ಅಂಚು ಸೇರಿಸಿ ಅಷ್ಟನ್ನೂ ಹೊಸದಾಗಿ ಮಡಿಸಿ ಒಳಗಿಟ್ಟರು. ಟೈಲರಮ್ಮನಿಗೆ ನಿದ್ದೆ ಬಂದಿರಲಿಲ್ಲ. ಬಟ್ಟೆ ಕೊಡವಿದರೆ ಹೇಗೆ ಸದ್ದಾಗುತ್ತದೆಂದು ಟೈಲರುಗಳಿಗೆ ಯಾರೂ ಹೇಳಿಕೊಡಬೇಕಾಗಿಲ್ಲ.

ಆವತ್ತಿನಿಂದ ಆಕೆ ಏನನ್ನೂ ಬೇಡವೆನ್ನಲಿಲ್ಲ, ಏನನ್ನೂ ಬೇಕೆನ್ನಲಿಲ್ಲ. ತಿನ್ನಿಸಿದರೆ ತಿಂದರು, ಕೂರಿಸಿದರೆ ಕೂತರು. ಗಂಡ ವ್ಯಾಯಾಮಕ್ಕೆಂದು ಕೈ ಹಿಡಿದರೆ ಆ ಕೈಯನ್ನು ಅವರಿಗೇ ಬಿಟ್ಟುಕೊಟ್ಟು ಕಿಟಕಿಯ ಆಚೆ ನೋಡುತ್ತಿದ್ದರು. ಗೋಡೆಯ ಮೇಲೆ ಮಾತ್ರ ಎಲ್ಲವೂ ಹೇಳಿದ ಹೊತ್ತಿಗೆ ಮುಗಿಯುತ್ತಿತ್ತು.

ವಾರಕ್ಕೆರಡು ಸಲ ಬರುತ್ತಿದ್ದ ಫಿಸಿಯೋ ಮೇಡಂ ಕೈ ಹಿಡಿದು ನೋಡಿದವಳೇ ಸಾಹೇಬರನ್ನು ಅಂಗಳಕ್ಕೆ ಕರೆದಳು. ಬೆರಳುಗಳು ತಾವಾಗಿಯೇ ಮಡಚತೊಡಗಿದ್ದವು, ಈಗ ಅವರ ಪ್ರಯತ್ನವೇ ಇಲ್ಲ, ಹೀಗೇ ಆದರೆ ಹೊಲಿಗೆಯ ಆಸೆ ಬಿಡಬೇಕಾಗುತ್ತದೆ ಎಂದಳು. ಮಾಡಿಸದೆ ಬಿಟ್ಟ ವ್ಯಾಯಾಮವಿಲ್ಲ, ತಪ್ಪಿದ ಮಾತ್ರೆಯಿಲ್ಲ, ಬೇಕಾದರೆ ಗೋಡೆ ನೋಡಿ ಎಂದರು ಸಾಹೇಬರು. ಮೇಡಂ ಗೋಡೆಯ ಕಡೆ ಹೋಗಲಿಲ್ಲ.

"ಅವರನ್ನೇ ಏನಾಯ್ತು ಅಂತ ಕೇಳಿದ್ರಾ ಸರ್?"

ಕೇಳಿರಲಿಲ್ಲ. ನಾದಿನಿಯನ್ನು ಕೇಳಿದ್ದರು, ಔಷಧಿ ಅಂಗಡಿಯವನನ್ನು ಕೇಳಿದ್ದರು, ಡಾಕ್ಟರಿಗೆ ಫೋನು ಹಚ್ಚಿ ಕೇಳಿದ್ದರು.

ಸಂಜೆ ನಾದಿನಿ ಹೊರಟ ಮೇಲೆ ಸಾಹೇಬರು ಮಂಚದ ಪಕ್ಕ ನೆಲದ ಮೇಲೆ ಕುಳಿತರು. ಹೇಗೆ ಶುರು ಮಾಡಬೇಕೆಂದು ತೋಚಲಿಲ್ಲ. ಇಷ್ಟು ವರ್ಷದ ಸಂಸಾರದಲ್ಲಿ ಇಂಥ ಮಾತಿಗೆ ಆಕೆಯೇ ಮೊದಲು ಬಾಯಿ ತೆಗೆಯುತ್ತಿದ್ದದ್ದು. ಕೊನೆಗೆ ಬಾಯಿಗೆ ಬಂದದ್ದು ನೌಕರಿಯ ಮಾತೇ.

"ನಿನ್ನ ಕೆಲಸಕ್ಕೆ ಏನು ಅಡ್ಡ ಬಂದಿದೆ ಕಣೇ?"

"ನೀವೇ" ಎಂದರು ಟೈಲರಮ್ಮ.

ಟೈಲರಮ್ಮ ಪದಗಳಿಗೆ ಸ್ವಲ್ಪ ಹೊತ್ತು ತಡಕಾಡಿದರು.

"ರೀ, ನಿಮ್ಮ ಮೇಸ್ತ್ರಿ ಒಂದು ಗೋಡೆ ಕಟ್ತಾನೆ. ಅವನು ಊಟಕ್ಕೆ ಹೋದಾಗ ನೀವದನ್ನ ಕೆಡವಿ ಬೇರೆ ಕಟ್ತೀರಾ?"

"ಛೆ, ಯಾರಾದ್ರೂ ಹಾಗೆ ಮಾಡ್ತಾರಾ?"

"ಡೊಂಕಿದ್ರೆ?"

"ಡೊಂಕಿದ್ರೆ ಕರೆದು ತೋರಿಸ್ತೀನಿ. ಅವನ ಕೈಯಿಂದ್ಲೇ ಸರಿ ಮಾಡಿಸ್ತೀನಿ."

"ಮತ್ತೆ ನನ್ನನ್ಯಾಕೆ ಕರೀಲಿಲ್ಲ?"

ಯಾವುದಕ್ಕೆ ಎಂದು ಕೇಳಲು ಬಾಯಿ ತೆರೆದ ಸಾಹೇಬರಿಗೆ ಬೀರು ಕಣ್ಣಿಗೆ ಬಿತ್ತು. ಒಳಗೆ ಸಾಲಾಗಿ, ಅಂಚಿಗೆ ಅಂಚು ಕೂತಿದ್ದ ಅಂಗಿಗಳು ನೆನಪಾದವು. ಮುಖ ಕೆಂಪಗಾಯಿತು. ಆಕೆಗೆ ಶ್ರಮವಾಗಬಾರದು ಎಂದು ಮಾಡಿದೆ ಎಂದು ಹೇಳಲು ಹೋದರು. ಹೇಳುತ್ತಿರುವಂತೆಯೇ ಅದು ಪೂರ್ತಿ ನಿಜವಲ್ಲ ಎಂದು ಅವರಿಗೇ ಗೊತ್ತಾಯಿತು.

"ಹೆದರಿಕೆ ಕಣೇ" ಎಂದರು. "ಆಸ್ಪತ್ರೇಲಿ ನೀನು ಹಾಗೆ ಮಲಗಿದ್ದಾಗ ಯಾವುದು ಮೊದಲು ಯಾವುದು ಆಮೇಲೆ ಅಂತ ನನಗೊಂದೂ ತಿಳೀತಿರ್ಲಿಲ್ಲ. ಎಲ್ಲಾನೂ ಗೋಡೆಗೆ ಅಂಟಿಸಿಬಿಟ್ರೆ ಏನೂ ಕೈತಪ್ಪಿ ಹೋಗಲ್ಲ ಅನ್ನಿಸ್ತು. ನೀನೂ."

ಅವರ ಕಣ್ಣಲ್ಲಿ ನೀರಿತ್ತು. ಟೈಲರಮ್ಮ ಎಡಗೈ ಚಾಚಿ ಅವರ ತಲೆಯ ಮೇಲಿಟ್ಟರು. ನಾನೇನು ಗೋಡೆಗೆ ಅಂಟುವ ಜಾತಿಯವಳಲ್ಲ ಎಂದು ಛೇಡಿಸಿದರು. ಆಮೇಲೆ ಇಬ್ಬರೂ ಬಹಳ ಹೊತ್ತು ಮಾತಾಡಿದರು. ಊಟದ ತಟ್ಟೆಯನ್ನು ಆಕೆ ತಮ್ಮ ಮುಂದೆ ಇಡಿಸಿಕೊಂಡು ಎಡಗೈಯಲ್ಲೇ ಚಮಚ ಹಿಡಿದು ಉಂಡರು. ಅರ್ಧ ಊಟ ಹಾಸಿಗೆಯ ಮೇಲೆ ಚೆಲ್ಲಿತು. ಸಾಹೇಬರು ತಮ್ಮ ಎರಡೂ ಕೈಗಳನ್ನು ತೊಡೆಯ ಕೆಳಗೆ ಸೇರಿಸಿಕೊಂಡು ಕುಳಿತಿದ್ದರು.

ಬೆಳಿಗ್ಗೆ ಕೆಲಸಕ್ಕೆ ಹೊರಡುವ ಅವಸರದಲ್ಲಿ ಸಾಹೇಬರ ಅಂಗಿಯ ಎದೆಯ ಗುಂಡಿ ಕಿತ್ತು ಕೈಗೆ ಬಂತು. ಅಷ್ಟರಲ್ಲೇ ಬಂದಿದ್ದ ನಾದಿನಿ ಅಕ್ಕನ ಡಬ್ಬಿಯಿಂದ ಸೂಜಿ ತೆಗೆದಳು. ಇಲ್ಲಿ ಕೊಡು ಎಂದರು ಟೈಲರಮ್ಮ. ನಾದಿನಿ ಭಾವನ ಮುಖ ನೋಡಿದಳು. ಸಾಹೇಬರು ಅಂಗಿ ಬಿಚ್ಚಿ ಹೆಂಡತಿಯ ಮಡಿಲಿಗೆ ಹಾಕಿ, ಬನಿಯನ್ನಿನಲ್ಲಿ ಸ್ಟೂಲಿನ ಮೇಲೆ ಕುಳಿತರು.

ಸೂಜಿಯನ್ನು ದಿಂಬಿಗೆ ನೆಟ್ಟಗೆ ಚುಚ್ಚಿ ನಿಲ್ಲಿಸಿ, ದಾರದ ತುದಿಯನ್ನು ತುಟಿಯಲ್ಲಿ ಒದ್ದೆ ಮಾಡಿ, ಎಡಗೈಯಿಂದ ಪೋಣಿಸಲು ಹೊರಟರು ಟೈಲರಮ್ಮ. ದಾರ ಸೂಜಿಯ ಕಣ್ಣಿನ ಆಚೆ ಈಚೆ ಹೋಯಿತೇ ಹೊರತು ಒಳಗೆ ಹೋಗಲಿಲ್ಲ. ಮತ್ತೆ ಒದ್ದೆ ಮಾಡಿದರು. ನಾದಿನಿ ನೋಡಲಾರದೆ ಅಡುಗೆಮನೆಗೆ ಹೋಗಿ ಪಾತ್ರೆ ಸದ್ದು ಮಾಡತೊಡಗಿದಳು. ಕೊನೆಗೂ ದಾರ ತೂರಿತು. ಈಗ ಗುಂಡಿ ಹಿಡಿಯಬೇಕು, ಅದು ಬಲಗೈಯ ಪಾಲು. ಆಕೆ ಆ ಕೈಯನ್ನು ಅಂಗಿಯ ಮೇಲೆ ಇಟ್ಟುಕೊಂಡು, ಹೆಬ್ಬೆರಳನ್ನೇ ನೋಡುತ್ತಾ ಕಾದರು. ಹೆಬ್ಬೆರಳು ನಡುಗಿತು, ಇಳಿಯಿತು, ಗುಂಡಿಯನ್ನು ಒತ್ತಿತು. ಸೂಜಿ ಮೇಲೆ ಬರುವಷ್ಟರಲ್ಲಿ ಗುಂಡಿ ಜಾರಿ ಮಂಚದ ಕೆಳಗೆ ಉರುಳಿತು. ಸಾಹೇಬರು ಬಗ್ಗಿ ಹೆಕ್ಕಿ ಆಕೆಯ ಅಂಗೈಯಲ್ಲಿ ಇಟ್ಟು, ಮತ್ತೆ ಹೋಗಿ ಕುಳಿತರು.

ಹೊರಗೆ ಕಂಪನಿಯ ಜೀಪು ಬಂದು ಹಾರನ್ ಹೊಡೆಯಿತು. ಎರಡನೆಯ ಸಲ ಹೊಡೆದಾಗ ಸಾಹೇಬರು ಫೋನು ತೆಗೆದರು.

"ನೀವು ಹೊರಡಿ, ಮೀಟಿಂಗು ನನ್ನ ಬಿಟ್ಟು ಶುರು ಮಾಡಿ. ಇಲ್ಲೊಂದು ಕೆಲಸ ನಡೀತಿದೆ. ಇದು ಮುಗೀದೆ ಮುಂದಿನದು ಯಾವುದೂ ಶುರುವಾಗಲ್ಲ."

ಎಷ್ಟು ಹೊತ್ತಾಗಬಹುದು ಎಂದು ಆ ಕಡೆಯಿಂದ ಕೇಳಿರಬೇಕು. ಗೊತ್ತಿಲ್ಲ ಎಂದರು ಸಾಹೇಬರು. ಆ ಮಾತನ್ನು ಅವರ ಬಾಯಲ್ಲಿ ಯಾರೂ ಕೇಳಿರಲಿಲ್ಲ. ಜೀಪು ಇನ್ನೂ ಸ್ವಲ್ಪ ಹೊತ್ತು ಅನುಮಾನದಲ್ಲಿ ನಿಂತಿದ್ದು ಆಮೇಲೆ ಹೋಯಿತು.

ಟೈಲರಮ್ಮ ದಾರವನ್ನು ಗುಂಡಿಯ ಬುಡಕ್ಕೆ ಸುತ್ತಿ, ಗಂಟು ಹಾಕಿ, ಹಲ್ಲಿನಿಂದ ಕಚ್ಚಿ ತುಂಡು ಮಾಡಿದರು. ಹಣೆಯ ಬೆವರನ್ನು ತೋಳಿಗೆ ಒರೆಸಿಕೊಂಡರು. ಅಂಗಿಯನ್ನು ಗಂಡನ ಕಡೆಗೆ ಚಾಚಿ, ನೋಡಿ ಹೇಳಿ ಎಂದರು.

ಸಾಹೇಬರು ಅಂಗಿ ಹಾಕಿಕೊಂಡು ಆ ಗುಂಡಿಯನ್ನು ಕಾಜಾದೊಳಗೆ ತೂರಿಸಿದರು. ಅದರ ಪಕ್ಕ ಬಟ್ಟೆ ಸಣ್ಣಗೆ ಸೊಟ್ಟಗಾಯಿತು. ಬಾಗಿಲಲ್ಲಿ ಬಂದು ನಿಂತಿದ್ದ ನಾದಿನಿ, ಏನೂ ಹೇಳಬೇಡಿ ಎಂದು ಭಾವನಿಗೆ ಕಣ್ಣಲ್ಲೇ ಸನ್ನೆ ಮಾಡಿದಳು. ಸಾಹೇಬರು ಹೆಂಡತಿಯ ಮುಖವನ್ನೊಮ್ಮೆ, ಗುಂಡಿಯನ್ನೊಮ್ಮೆ ನೋಡಿದರು.

"ಒಂದು ಕೂದಲೆಳೆ ಕೆಳಗಿದೆ" ಎಂದರು.

ಟೈಲರಮ್ಮ ಕತ್ತು ಮುಂದೆ ಚಾಚಿ, ಕಣ್ಣು ಕಿರಿದು ಮಾಡಿ ನೋಡಿದರು. ಗಿರಾಕಿಗಳ ಅಂಗಿಯನ್ನು ನೋಡುತ್ತಿದ್ದ ಹಾಗೆಯೇ ನೋಡಿದರು. ಮುಖದ ತುಂಬ ನಗು ಹರಡಿತು.

"ಹೌದು. ಬಿಚ್ಚಿ ಕೊಡಿ."

ಸಾಹೇಬರು ಅಂಗಿ ಬಿಚ್ಚಿ ಕೊಟ್ಟರು. ಟೈಲರಮ್ಮ ಎಡಗೈಯಲ್ಲಿ ಕತ್ತರಿ ತೆಗೆದುಕೊಂಡು ದಾರವನ್ನು ಕತ್ತರಿಸಿ, ಸೂಜಿಯನ್ನು ಮತ್ತೆ ದಿಂಬಿಗೆ ಚುಚ್ಚಿ ನಿಲ್ಲಿಸಿದರು. ಸಾಹೇಬರು ಸ್ಟೂಲನ್ನು ಸ್ವಲ್ಪ ಹತ್ತಿರಕ್ಕೆ ಎಳೆದುಕೊಂಡು ಕುಳಿತರು.